ಅಮೆರಿಕದ ಭಾರಿ ಬಾಂಬರ್‌ಗಳು: ಭಾರ, ದೂರ, ಎತ್ತರ ಮತ್ತು ಗುರಿಯ ಲೆಕ್ಕ

ಎರಡನೇ ಮಹಾಯುದ್ಧದಲ್ಲಿ ಅಮೆರಿಕ ಬಳಸಿದ ಬಿ-17 ಬಾಂಬರ್ ವಿಮಾನ ಎಷ್ಟು ಬಾಂಬ್ ಹೊರುತ್ತಿತ್ತು ಎಂದು ಹುಡುಕಿದರೆ ಒಂದು ಕಡೆ 1,800 ಕಿಲೋ, ಇನ್ನೊಂದು ಕಡೆ 2,700 ಕಿಲೋ, ಮತ್ತೊಂದು ಕಡೆ 3,600 ಕಿಲೋ ಎಂಬ ಉತ್ತರ ಸಿಗುತ್ತದೆ, ಮತ್ತು ಈ ಮೂರೂ ಸರಿಯೇ. ಇಂಗ್ಲೆಂಡಿನಿಂದ ಹೊರಟು ಜರ್ಮನಿಯ ಒಳನಾಡಿನವರೆಗೆ ಹೋಗಿಬರಬೇಕಾದ ದಿನ ಇಂಧನ ಹೆಚ್ಚು ತುಂಬಬೇಕಾಗುವುದರಿಂದ ಬಾಂಬುಗಳನ್ನು ಕಡಿಮೆ ಮಾಡುತ್ತಿದ್ದರು. ಫ್ರಾನ್ಸಿನ ಕರಾವಳಿಯ ಗುರಿಯಾದರೆ ಇಂಧನ ತಗ್ಗಿ ಬಾಂಬುಗಳು ಹೆಚ್ಚುತ್ತಿದ್ದವು. ವಿಮಾನ ನೆಲಬಿಡಬಲ್ಲ ಒಟ್ಟು ತೂಕಕ್ಕೆ ಒಂದು ಮಿತಿಯಿದೆ. ಇಂಧನ, ಬಾಂಬು, ಬಂದೂಕು, ಮದ್ದುಗುಂಡು, ಸಿಬ್ಬಂದಿ ಎಲ್ಲವೂ ಆ ಮಿತಿಯೊಳಗೇ ಪಾಲು ಪಡೆಯಬೇಕು. ಇದಕ್ಕೆ ಎತ್ತರವೂ ಸೇರುತ್ತದೆ: ಮೇಲೇರಿದಷ್ಟೂ ಇಂಧನ ಖರ್ಚಾಗುತ್ತದೆ, ವಿಮಾನ ಸುರಕ್ಷಿತವಾಗುತ್ತದೆ, ಆದರೆ ಬಾಂಬು ಗುರಿ ತಪ್ಪುವ ಸಂಭವ ಹೆಚ್ಚುತ್ತದೆ. ಅಮೆರಿಕದ ಭಾರಿ ಬಾಂಬರ್‌ಗಳ ಚರಿತ್ರೆಯನ್ನು ಬಿಡಿಬಿಡಿ ಮಾದರಿಗಳ ಪಟ್ಟಿಯಾಗಿ ಬಾಯಿಪಾಠ ಮಾಡುವುದಕ್ಕಿಂತ, ಈ ಒಂದೇ ಲೆಕ್ಕವನ್ನು ಬೇರೆಬೇರೆ ಕಾಲದಲ್ಲಿ ಹೇಗೆ ಬಿಡಿಸಿದರು ಎಂದು ನೋಡಿದರೆ ವಿಷಯ ಬೇಗ ಹಿಡಿತಕ್ಕೆ ಬರುತ್ತದೆ.

ಬಿ-17 ಮತ್ತು ಅದರ ಹೊಟ್ಟೆ

ಬೋಯಿಂಗ್ ಕಂಪನಿಯ ಮಾದರಿ 299 ಎಂಬ ವಿಮಾನ 1935ರ ಜುಲೈ 28ರಂದು ಮೊದಲ ಬಾರಿ ಹಾರಿತು. ಅದೇ ವರ್ಷದ ಅಕ್ಟೋಬರ್ 30ರಂದು, ನಿಲ್ಲಿಸಿದಾಗ ಗಾಳಿಗೆ ಅಲುಗದಂತೆ ಬಾಲದ ಪಟ್ಟಿಗಳಿಗೆ ಹಾಕಿದ್ದ ಬೀಗವನ್ನು ತೆಗೆಯದೆಯೇ ಮೇಲೇರಿದ್ದರಿಂದ ಅದು ನೆಲಕ್ಕಪ್ಪಳಿಸಿತು. ಹಾರುವ ಮೊದಲು ಪೈಲಟ್‌ಗಳು ಓದಿಕೊಂಡು ಪರೀಕ್ಷಿಸುವ ಚೆಕ್‌ಲಿಸ್ಟ್ ಎಂಬ ಪದ್ಧತಿ ರೂಢಿಗೆ ಬಂದದ್ದು ಈ ಅಪಘಾತದ ನಂತರ. ಆ ಮಾದರಿಯೇ ಮುಂದೆ ಬಿ-17 ಆಗಿ ಒಟ್ಟು 12,731 ವಿಮಾನಗಳು ತಯಾರಾದವು.

ಇದರ ಬಾಂಬು ಕೋಣೆ ಪೈಲಟ್‌ಗಳ ಹಿಂಬದಿಗೆ, ರೇಡಿಯೋ ಕೋಣೆಗೆ ಮುಂಚೆ ಇತ್ತು. ನಡುವೆ ಒಬ್ಬನೇ ಅಡ್ಡಡ್ಡ ತಿರುಗಿ ಸಾಗಬೇಕಾದಷ್ಟು ಕಿರಿದಾದ ಓಡುದಾರಿ. ಎರಡೂ ಬದಿಯ ಚೌಕಟ್ಟುಗಳಲ್ಲಿ ಬಾಂಬುಗಳನ್ನು ಏಣಿಯ ಮೆಟ್ಟಿಲಿನಂತೆ ಒಂದರ ಮೇಲೊಂದು ಅಡ್ಡಲಾಗಿ ತೂಗುಹಾಕುತ್ತಿದ್ದರು. ಕೋಣೆ ಚಿಕ್ಕದಾದ್ದರಿಂದ ಒಳಗೆ ಹಿಡಿಸುವ ಒಂದೊಂದು ಬಾಂಬಿನ ಗಾತ್ರಕ್ಕೂ ಮಿತಿಯಿತ್ತು. ಬ್ರಿಟಿಷರ ಲಾಂಕಾಸ್ಟರ್ ಬಾಂಬರ್‌ಗೆ ಉದ್ದನೆಯ, ಅಡ್ಡಗೋಡೆಯಿಲ್ಲದ ಕೋಣೆ ಇದ್ದದ್ದರಿಂದ ಅದು ಬಹಳ ದೊಡ್ಡ ಬಾಂಬುಗಳನ್ನೂ ಒಯ್ಯುತ್ತಿತ್ತು. ಬಿ-17 ತನ್ನ ತೂಕದ ಪಾಲನ್ನು ಬಂದೂಕುಗಳಿಗೆ ಕೊಟ್ಟಿತ್ತು: ಜಿ ಮಾದರಿಯಲ್ಲಿ 13 ಭಾರಿ ಮಷಿನ್‌ಗನ್‌ಗಳೂ ಹತ್ತು ಜನರೂ ಇರುತ್ತಿದ್ದರು. ಹಗಲಿನಲ್ಲೇ ಹೋಗಿ, ಗುರಿಯನ್ನು ಕಣ್ಣಾರೆ ಕಂಡು, ತಮ್ಮ ಬಂದೂಕುಗಳಿಂದಲೇ ತಮ್ಮನ್ನು ಕಾಪಾಡಿಕೊಂಡು ಬರಬೇಕೆಂಬುದು ಅಮೆರಿಕದ ವಾಯುಸೇನೆಯ ಸಿದ್ಧಾಂತವಾಗಿದ್ದರಿಂದ ಹೀಗಾಯಿತು.

ಬಾಂಬಿನ ರಚನೆ

ಆ ಯುದ್ಧದಲ್ಲಿ ಅತಿ ಹೆಚ್ಚು ಬಳಕೆಯಾದದ್ದು ಸಾಮಾನ್ಯೋದ್ದೇಶದ ಬಾಂಬು. 100, 250, 500, 1,000 ಮತ್ತು 2,000 ಪೌಂಡ್ ತೂಕಗಳಲ್ಲಿ ಬರುತ್ತಿದ್ದ ಇದರಲ್ಲಿ ಸುಮಾರು ಅರ್ಧ ತೂಕ ಸಿಡಿಮದ್ದು, ಉಳಿದರ್ಧ ಉಕ್ಕಿನ ಕವಚ. ಸ್ಫೋಟದ ಒತ್ತಡವೂ ಬೇಕು, ಸಿಡಿಯುವ ಉಕ್ಕಿನ ಚೂರುಗಳೂ ಬೇಕು ಎಂಬ ಉದ್ದೇಶಕ್ಕೆ ಈ ಅರೆಪಾಲಿನ ರಚನೆ. 500 ಪೌಂಡಿನದು, ಅಂದರೆ 227 ಕಿಲೋದ್ದು, ಬಾಂಬರ್ ಸಿಬ್ಬಂದಿಯ ದಿನನಿತ್ಯದ ಸರಕು.

ಬಾಂಬಿನ ಮೂತಿಗೂ ಬಾಲಕ್ಕೂ ಫ್ಯೂಸ್, ಅಂದರೆ ಸಿಡಿಮದ್ದನ್ನು ಸಿಡಿಸುವ ಸಾಧನ, ಹಾಕುವ ಪದ್ಧತಿಯಿತ್ತು. ಮೂತಿಯದು ತಾಗಿದ ಕ್ಷಣವೇ ಸಿಡಿಸುತ್ತದೆ. ಬಾಲದ್ದಕ್ಕೆ ಒಂದಿಷ್ಟು ವಿಳಂಬವನ್ನಿಟ್ಟರೆ ಬಾಂಬು ಚಾವಣಿಯನ್ನು ತೂರಿ ಕಾರ್ಖಾನೆಯೊಳಗೆ ಇಳಿದ ಮೇಲೆ ಸಿಡಿಯುತ್ತದೆ. ವಿಮಾನದಲ್ಲಿರುವಾಗ ಬಾಂಬು ಸಿಡಿಯದಿರಲು ಫ್ಯೂಸಿನ ತುದಿಯಲ್ಲಿ ಪುಟ್ಟ ಗಾಳಿಚಕ್ರವಿರುತ್ತಿತ್ತು. ಅದು ತಿರುಗದಂತೆ ಒಂದು ತಂತಿಯನ್ನು ತೂರಿಸಿ, ತಂತಿಯ ಇನ್ನೊಂದು ತುದಿಯನ್ನು ವಿಮಾನಕ್ಕೇ ಕಟ್ಟಿರುತ್ತಿದ್ದರು. ಬಾಂಬು ಕಳಚಿ ಬಿದ್ದಾಗ ತಂತಿ ವಿಮಾನದಲ್ಲೇ ಉಳಿದು, ಚಕ್ರ ಗಾಳಿಗೆ ಗಿರಗಿರನೆ ಸುತ್ತಿ, ಬಾಂಬು ವಿಮಾನದಿಂದ ಸಾಕಷ್ಟು ದೂರವಾದ ನಂತರವೇ ಫ್ಯೂಸ್ ಸಿದ್ಧವಾಗುತ್ತಿತ್ತು. ಇದಲ್ಲದೆ ನೆಲದಲ್ಲಿ ಹಾಕಿದ್ದ ರಕ್ಷಣಾ ಪಿನ್ನುಗಳನ್ನು ಹಾರಾಟದ ನಡುವೆ ಸಿಬ್ಬಂದಿಯೊಬ್ಬ ಆ ಕಿರಿದಾದ ಓಡುದಾರಿಯಲ್ಲಿ ನಿಂತು ಒಂದೊಂದಾಗಿ ಕೀಳಬೇಕಿತ್ತು.

ಒಂದು ಸಣ್ಣ ಲೆಕ್ಕ

ಗುರಿ ಹಿಡಿಯುವುದು ಏಕೆ ಕಷ್ಟ ಎಂಬುದನ್ನು ಪಿಯುಸಿಯ ಭೌತಶಾಸ್ತ್ರದಿಂದಲೇ ಕಾಣಬಹುದು. ವಿಮಾನ 7,600 ಮೀಟರ್ ಎತ್ತರದಲ್ಲಿದ್ದರೆ, ಗಾಳಿಯ ತಡೆಯನ್ನು ಬಿಟ್ಟು ಲೆಕ್ಕಹಾಕಿದಾಗ, ಬಾಂಬು ಬೀಳಲು ತೆಗೆದುಕೊಳ್ಳುವ ಕಾಲ 2 × 7,600 ÷ 9.8 ಇದರ ವರ್ಗಮೂಲ, ಅಂದರೆ ಸುಮಾರು 39 ಸೆಕೆಂಡು. ವಿಮಾನ ಸೆಕೆಂಡಿಗೆ 100 ಮೀಟರ್ ವೇಗದಲ್ಲಿದ್ದರೆ ಬಾಂಬು ಅಷ್ಟು ಹೊತ್ತಿನಲ್ಲಿ ಹೆಚ್ಚುಕಡಿಮೆ ನಾಲ್ಕು ಕಿಲೋಮೀಟರ್ ಮುಂದಕ್ಕೆ ಸಾಗುತ್ತದೆ. ಎಂದರೆ ಗುರಿ ಇನ್ನೂ ನಾಲ್ಕು ಕಿಲೋಮೀಟರ್ ಮುಂದಿರುವಾಗಲೇ ಬಾಂಬನ್ನು ಬಿಡಬೇಕು. ಬಿಡುವುದು ಒಂದು ಸೆಕೆಂಡು ತಡವಾದರೆ 100 ಮೀಟರ್ ತಪ್ಪಿತು. ನೆಲಕ್ಕೆ ಹೋಲಿಸಿದ ವಿಮಾನದ ವೇಗವನ್ನು ಗಂಟೆಗೆ 10 ಕಿಲೋಮೀಟರಿನಷ್ಟು ತಪ್ಪಾಗಿ ಅಂದಾಜಿಸಿದರೂ ಸುಮಾರು 110 ಮೀಟರ್ ತಪ್ಪಿತು.

ಈ ಲೆಕ್ಕವನ್ನು ಯಂತ್ರವೇ ಮಾಡಲೆಂದು ಕಾರ್ಲ್ ನಾರ್ಡನ್ ರೂಪಿಸಿದ ಗುರಿಯಂತ್ರವನ್ನು ಅಮೆರಿಕ ರಹಸ್ಯವಾಗಿ ಕಾಪಾಡಿತ್ತು. ಗೈರೋಸ್ಕೋಪುಗಳಿಂದ ಸ್ಥಿರಗೊಂಡ ದೂರದರ್ಶಕವೂ ವೇಗ, ಎತ್ತರ, ಗಾಳಿಗಳನ್ನು ಸೇರಿಸಿ ಬಾಂಬು ಬಿಡುವ ಕ್ಷಣವನ್ನು ನಿರ್ಧರಿಸುವ ಯಾಂತ್ರಿಕ ಗಣಕವೂ ಅದರಲ್ಲಿದ್ದವು. ಗುರಿಯತ್ತ ಸಾಗುವ ಕೊನೆಯ ಓಟದಲ್ಲಿ ಅದು ಆಟೋಪೈಲಟ್‌ಗೆ ಜೋಡಣೆಯಾಗಿ, ವಿಮಾನವನ್ನು ನಡೆಸುವವನು ಪೈಲಟ್ ಅಲ್ಲ, ಬಾಂಬು ಬಿಡುವ ಹೊಣೆ ಹೊತ್ತ ಬಾಂಬಾರ್ಡಿಯರ್ ಎಂಬಂತಾಗುತ್ತಿತ್ತು. ಉಪ್ಪಿನಕಾಯಿಯ ಪೀಪಾಯಿಯೊಳಕ್ಕೂ ಬಾಂಬು ಹಾಕಬಲ್ಲೆವೆಂಬ ಪ್ರಚಾರ ನಡೆದದ್ದು ಮರುಭೂಮಿಯ ನಿರ್ಮಲ ಆಕಾಶದ ಅಭ್ಯಾಸವನ್ನು ನೋಡಿ. ಯುರೋಪಿನಲ್ಲಿ ಮೋಡ, ಹೊಗೆ, ವಿಮಾನ ನಿರೋಧಕ ಗುಂಡುಗಳ ನಡುವೆ ಫಲಿತಾಂಶ ಬೇರೆಯೇ ಆಯಿತು. ಯುದ್ಧದ ನಂತರ ಅಮೆರಿಕವೇ ನಡೆಸಿದ ಅಧಿಕೃತ ಸಮೀಕ್ಷೆಯ ಪ್ರಕಾರ, ನಿಖರ ಗುರಿಗಳೆಂದು ಎಸೆದ ಬಾಂಬುಗಳಲ್ಲಿ ಸುಮಾರು ಶೇ. 20 ಮಾತ್ರ ಗುರಿಬಿಂದುವಿನಿಂದ 1,000 ಅಡಿಯೊಳಗೆ ಬಿದ್ದಿದ್ದವು.

ಇಲ್ಲಿ ಪಠ್ಯಗಳು ಸಾಮಾನ್ಯವಾಗಿ ಬಿಟ್ಟುಬಿಡುವ ಅಂಶವೊಂದಿದೆ. ಶತ್ರುವಿಮಾನಗಳನ್ನು ಎದುರಿಸಲು ಬಿ-17ಗಳು ಒತ್ತೊತ್ತಾದ ಗುಂಪಿನಲ್ಲಿ ಹಾರುತ್ತಿದ್ದವು, ಮತ್ತು ಮುಂದಾಳು ವಿಮಾನ ಬಾಂಬು ಬಿಟ್ಟದ್ದನ್ನು ನೋಡಿ ಉಳಿದವು ತಮ್ಮವನ್ನೂ ಬಿಡುತ್ತಿದ್ದವು. ಗುಂಪೇ ನೂರಾರು ಮೀಟರ್ ಅಗಲ ಹರಡಿಕೊಂಡಿದ್ದಾಗ, ಮುಂದಾಳಿನ ಗುರಿ ಕರಾರುವಾಕ್ಕಾಗಿದ್ದರೂ ಉಳಿದವುಗಳ ಬಾಂಬು ಅಷ್ಟೇ ಅಗಲಕ್ಕೆ ಚೆಲ್ಲಾಪಿಲ್ಲಿಯಾಗಲೇಬೇಕು. ರಕ್ಷಣೆಗೆ ಆರಿಸಿಕೊಂಡ ವ್ಯೂಹವೇ ನಿಖರತೆಯನ್ನು ತಿಂದುಹಾಕಿತು. ಆ ರಕ್ಷಣೆಯಾದರೂ ಸಾಲಲಿಲ್ಲ: ಬಾಲ್‌ಬೇರಿಂಗ್ ಕಾರ್ಖಾನೆಗಳಿದ್ದ ಶ್ವೈನ್‌ಫರ್ಟ್ ಮೇಲೆ 1943ರ ಅಕ್ಟೋಬರ್ 14ರಂದು ಹೊರಟ 291 ಬಿ-17ಗಳಲ್ಲಿ 60 ಮರಳಲಿಲ್ಲ. ದೂರದವರೆಗೆ ಜೊತೆಗೆ ಹೋಗಬಲ್ಲ ಪಿ-51 ಮಸ್ಟಾಂಗ್ ಯುದ್ಧವಿಮಾನಗಳು ಬರುವವರೆಗೆ ಈ ನಷ್ಟ ತಗ್ಗಲಿಲ್ಲ.

ಲಿಬರೇಟರ್, ಮತ್ತು ಬೆಂಗಳೂರಿನ ನಂಟು

ಕನ್ಸಾಲಿಡೇಟೆಡ್ ಕಂಪನಿಯ ಬಿ-24 ಲಿಬರೇಟರ್ 1939ರ ಡಿಸೆಂಬರ್ 29ರಂದು ಮೊದಲು ಹಾರಿತು. ಕಿರಿದಾದ, ನೀಳವಾದ ರೆಕ್ಕೆಯಿಂದಾಗಿ ಇದು ಬಿ-17ಕ್ಕಿಂತ ದೂರ ಹೋಗುತ್ತಿತ್ತು, ಹೆಚ್ಚು ಹೊರುತ್ತಿತ್ತು. ಆದರೆ ಭಾರ ತುಂಬಿದಾಗ ಅಷ್ಟು ಎತ್ತರದಲ್ಲಿ ಹತೋಟಿಗೆ ಸಿಗುತ್ತಿರಲಿಲ್ಲ. ಬಾಂಬು ಕೋಣೆಯ ಬಾಗಿಲುಗಳು ಅಂಗಡಿಯ ಶಟರ್‌ಗಳ ಹಾಗೆ ಸುರುಳಿಯಾಗಿ ಬದಿಗೆ ಸರಿಯುತ್ತಿದ್ದುದರಿಂದ ತೆರೆದಾಗ ಗಾಳಿಯ ಎಳೆತ ಹೆಚ್ಚುತ್ತಿರಲಿಲ್ಲ. ವಿಲೋ ರನ್‌ನ ಫೋರ್ಡ್ ಕಾರ್ಖಾನೆ 1944ರಲ್ಲಿ ಸುಮಾರು ಗಂಟೆಗೊಂದರಂತೆ ಇವನ್ನು ಹೊರತಂದಿತು. ಒಟ್ಟು ತಯಾರಿಕೆ 18,000 ದಾಟಿತು. 1943ರ ಆಗಸ್ಟ್ 1ರಂದು ರುಮೇನಿಯದ ಪ್ಲೋಯೆಶ್ಟಿ ತೈಲಾಗಾರಗಳ ಮೇಲೆ ಮರದ ತುದಿಯೆತ್ತರದಲ್ಲಿ ಹಾರಿ ದಾಳಿ ಮಾಡಿದಾಗ ತಮ್ಮ ಬಾಂಬಿಗೆ ತಾವೇ ಸಿಕ್ಕದಿರಲೆಂದು ವಿಳಂಬದ ಫ್ಯೂಸ್‌ಗಳನ್ನು ಬಳಸಿದರು. ಆ ದಿನ 50ಕ್ಕೂ ಹೆಚ್ಚು ವಿಮಾನಗಳು ನಷ್ಟವಾದವು.

ಯುದ್ಧ ಮುಗಿದಾಗ ಬ್ರಿಟಿಷ್ ವಾಯುಸೇನೆ ತನಗೆ ಎರವಲು ಬಂದಿದ್ದ ಹಲವಾರು ಲಿಬರೇಟರ್‌ಗಳನ್ನು ಮತ್ತೆ ಹಾರಲಾಗದಂತೆ ಕೆಡಿಸಿ ಕಾನ್ಪುರದಲ್ಲಿ ಬಿಟ್ಟುಹೋಗಿತ್ತು. ಬೆಂಗಳೂರಿನ ಹಿಂದೂಸ್ತಾನ್ ಏರ್‌ಕ್ರಾಫ್ಟ್ ಸಂಸ್ಥೆಯ ಕೆಲಸಗಾರರು ಅವುಗಳಲ್ಲಿ ಸರಿಪಡಿಸಬಹುದಾದವನ್ನು ಆರಿಸಿ, ಅಲ್ಲಿಯೇ ಹಾರುವಷ್ಟರ ಮಟ್ಟಿಗೆ ದುರಸ್ತಿ ಮಾಡಿದರು. ಸಂಸ್ಥೆಯ ಪರೀಕ್ಷಾ ಪೈಲಟ್ ಜಮ್‌ಶೆಡ್ ಮುನ್ಷಿ ಅವನ್ನು ಬೆಂಗಳೂರಿಗೆ ಹಾರಿಸಿ ತಂದರು. ಇಲ್ಲಿ ಪೂರ್ಣವಾಗಿ ಪುನರ್ನಿರ್ಮಾಣಗೊಂಡ ವಿಮಾನಗಳಿಂದ 1948ರಲ್ಲಿ ಭಾರತೀಯ ವಾಯುಸೇನೆಯ ಭಾರಿ ಬಾಂಬರ್ ದಳ ರೂಪುಗೊಂಡಿತು. ಕೊನೆಯವು 1968ರವರೆಗೆ ಸೇವೆಯಲ್ಲಿದ್ದವು. ಅಮೆರಿಕದಲ್ಲೇ ಬಹುಪಾಲು ಗುಜರಿಗೆ ಹೋಗಿದ್ದರಿಂದ ಇಂದು ಬ್ರಿಟನ್ನಿನ ವಾಯುಸೇನಾ ವಸ್ತುಸಂಗ್ರಹಾಲಯದಲ್ಲಿರುವ ಲಿಬರೇಟರ್ ಕೂಡ ಭಾರತ ಕೊಟ್ಟದ್ದೇ.

ಬಿ-29: ಲೆಕ್ಕವನ್ನು ತಲೆಕೆಳಗು ಮಾಡಿದ ರಾತ್ರಿ

1942ರ ಸೆಪ್ಟೆಂಬರ್ 21ರಂದು ಹಾರಿದ ಬಿ-29 ಸೂಪರ್‌ಫೋರ್ಟ್ರೆಸ್ ಗಾಳಿಯೊತ್ತಡ ಕಾಯ್ದ ಕೋಣೆಗಳು, ದೂರದಿಂದ ನಡೆಸುವ ಬಂದೂಕುಗೋಪುರಗಳು, 43 ಮೀಟರ್ ರೆಕ್ಕೆ, 9,000 ಕಿಲೋವರೆಗಿನ ಬಾಂಬು ಇವೆಲ್ಲವನ್ನೂ ಹೊಂದಿತ್ತು. ರೆಕ್ಕೆಯ ಮುಂದೊಂದು, ಹಿಂದೊಂದು ಬಾಂಬು ಕೋಣೆ. ತೂಕದ ಸಮತೋಲ ಕೆಡದಿರಲು ಎರಡರಿಂದಲೂ ಸರದಿಯಂತೆ ಬಾಂಬು ಬಿಡುತ್ತಿದ್ದರು. ಮೊದಲು ಇವುಗಳ ನೆಲೆ ಬಂಗಾಳದ ಖರಗ್‌ಪುರದ ಸುತ್ತಲಿನ ವಾಯುನೆಲೆಗಳಲ್ಲಿತ್ತು. ಹಿಮಾಲಯ ದಾಟಿಸಿ ಚೀನಾದ ಚೆಂಗ್ಡುವಿಗೆ ಇಂಧನ ಸಾಗಿಸಿ, ಅಲ್ಲಿಂದ ಜಪಾನಿಗೆ ಹಾರಬೇಕಿತ್ತು. ಒಂದು ದಾಳಿಗೆ ಬೇಕಾದ ಇಂಧನ ಕೂಡಿಸಲು ಹಲವು ಸಾಗಣೆ ಹಾರಾಟಗಳು ಬೇಕಾದವು. ಈ ವ್ಯವಸ್ಥೆ ಬಾಳದೆಂದು ಸಾಬೀತಾದ ಮೇಲೆ ಪೆಸಿಫಿಕ್ ಸಾಗರದ ಮರಿಯಾನ ದ್ವೀಪಗಳಿಗೆ ನೆಲೆ ಬದಲಾಯಿತು.

ಅಲ್ಲಿಂದಲೂ 9,000 ಮೀಟರ್ ಎತ್ತರದ ದಾಳಿಗಳು ಕೈಗೂಡಲಿಲ್ಲ. ಜಪಾನಿನ ಮೇಲೆ ಆ ಎತ್ತರದಲ್ಲಿ ಬೀಸುವ ಜೆಟ್ ಸ್ಟ್ರೀಮ್ ಎಂಬ ಗಾಳಿಹೊನಲಿನ ವೇಗ ಗಂಟೆಗೆ 200 ಕಿಲೋಮೀಟರನ್ನೂ ಮೀರುತ್ತಿದ್ದಾಗ ನಾರ್ಡನ್ ಯಂತ್ರದ ಲೆಕ್ಕಕ್ಕೆ ಅದು ಸಿಗಲಿಲ್ಲ. ಅಲ್ಲಿನ ಬಿ-29 ಪಡೆಯ ಮುಖ್ಯಸ್ಥ ಕರ್ಟಿಸ್ ಲಮೇ ಆಗ ರಾತ್ರಿ ಹೊತ್ತು, ಸುಮಾರು 1,500ರಿಂದ 2,700 ಮೀಟರ್ ಎತ್ತರದಲ್ಲಿ, ಗುಂಪು ಕಟ್ಟದೆ ಬಿಡಿಬಿಡಿಯಾಗಿ ಹೋಗಲು ಆಜ್ಞಾಪಿಸಿ, ಬಂದೂಕು ಮತ್ತು ಮದ್ದುಗುಂಡುಗಳಲ್ಲಿ ಹೆಚ್ಚಿನವನ್ನು ಇಳಿಸಿಹಾಕಿದರು. ಮೇಲೇರುವ ಇಂಧನ ಉಳಿಯಿತು, ವ್ಯೂಹ ಕಾಯುವ ಇಂಧನ ಉಳಿಯಿತು, ಬಂದೂಕಿನ ತೂಕ ಉಳಿಯಿತು. ಅಷ್ಟೂ ಪಾಲು ಬಾಂಬಿಗೆ ಹೋಯಿತು. ಒಯ್ದದ್ದು ಬೆಂಕಿಬಾಂಬುಗಳು: ತಲಾ 2.7 ಕಿಲೋ ತೂಕದ, ನೇಪಾಮ್ ಎಂಬ ಅಂಟಿಕೊಂಡು ಉರಿಯುವ ಇಂಧನ ತುಂಬಿದ ಎಂ-69 ಕೊಳವೆಗಳ 38ರ ಕಟ್ಟು ಆಕಾಶದಲ್ಲಿ ಬಿಚ್ಚಿಕೊಂಡು ಮನೆಗಳ ಮೇಲೆ ಉದುರುತ್ತಿತ್ತು. ಬಾಂಬು ಹರಡಿ ಬೀಳುವುದು ಇಲ್ಲಿ ದೋಷವಾಗಿರಲಿಲ್ಲ, ಅದೇ ಉದ್ದೇಶವಾಗಿತ್ತು. 1945ರ ಮಾರ್ಚ್ 9-10ರ ರಾತ್ರಿ ಟೋಕಿಯೋದಲ್ಲಿ 279 ವಿಮಾನಗಳು ಸುಮಾರು 1,665 ಟನ್ ಬಾಂಬು ಸುರಿಸಿ 41 ಚದರ ಕಿಲೋಮೀಟರ್ ಮರದ ಮನೆಗಳ ಊರನ್ನು ಸುಟ್ಟವು. ಸತ್ತವರ ಸಂಖ್ಯೆಯ ಅಂದಾಜು ಒಂದು ಲಕ್ಷದ ಆಸುಪಾಸು. ನಿಖರ ದಾಳಿಯ ಸಿದ್ಧಾಂತವನ್ನು ಹಿಡಿದು ಹೊರಟ ಸೇನೆ ಮೂರೇ ವರ್ಷಗಳಲ್ಲಿ ಇಲ್ಲಿಗೆ ಬಂದು ಮುಟ್ಟಿತು ಎಂಬುದನ್ನು ತಾಂತ್ರಿಕ ವಿವರಗಳ ನಡುವೆ ಓದುಗರು ಕಳೆದುಕೊಳ್ಳಬಾರದು.

ಪರಮಾಣು ಬಾಂಬಿಗಾಗಿ ಬಿ-29ಗಳನ್ನೇ ಮಾರ್ಪಡಿಸಿದರು. ಬಾಲದ್ದೊಂದನ್ನುಳಿದು ಬಂದೂಕುಗೋಪುರಗಳನ್ನೆಲ್ಲ ಕಿತ್ತು, 4 ಟನ್ನಿಗೂ ಮೀರಿದ ಒಂದೇ ಬಾಂಬನ್ನು ಒಂದೇ ಕೊಂಡಿಯಲ್ಲಿ ಹಿಡಿಯಲು ಬ್ರಿಟಿಷರ ಲಾಂಕಾಸ್ಟರ್‌ನ ಕೊಂಡಿಯನ್ನೇ ತರಿಸಿದರು. ನಾಗಸಾಕಿಯ ಮೇಲೆ ಬಿದ್ದ ಫ್ಯಾಟ್ ಮ್ಯಾನ್ 1.5 ಮೀಟರ್ ವ್ಯಾಸದ್ದಾದ್ದರಿಂದ ವಿಮಾನದ ಅಡಿಗೆ ತಳ್ಳಿ ತರಲಾಗದೆ, ಟಿನಿಯನ್ ದ್ವೀಪದಲ್ಲಿ ಗುಂಡಿ ತೋಡಿ, ಬಾಂಬನ್ನು ಅದರೊಳಗಿಟ್ಟು, ವಿಮಾನವನ್ನು ಮೇಲೆ ನಿಲ್ಲಿಸಿ ಎತ್ತಿ ತುಂಬಿದರು. ಹಿರೋಶಿಮಾದ ಮೇಲೆ ಹಾಕಿದ ಲಿಟಲ್ ಬಾಯ್ ಬಾಂಬು 9,400 ಮೀಟರ್‌ನಿಂದ ಬಿದ್ದು ನೆಲದಿಂದ ಸುಮಾರು 580 ಮೀಟರ್ ಮೇಲೆ ಸಿಡಿಯಿತು. ಮೇಲಿನ ಸೂತ್ರದಲ್ಲಿ 8,820 ಮೀಟರ್ ಇಟ್ಟರೆ 42 ಸೆಕೆಂಡು ಬರುತ್ತದೆ; ನಿಜವಾಗಿ ಹಿಡಿದದ್ದು ಸುಮಾರು 44. ಆ ಎರಡು ಸೆಕೆಂಡಿನ ಅಂತರ ನಾವು ಬಿಟ್ಟುಬಿಟ್ಟ ಗಾಳಿಯ ತಡೆಯದು. ಅಷ್ಟರೊಳಗೆ ವಿಮಾನ 155 ಡಿಗ್ರಿ ತಿರುಗಿ ಓಡಬೇಕಿತ್ತು.

ಬಿ-36ರಿಂದ ಮುಂದಕ್ಕೆ

ಬಿ-36ರ ಬಗ್ಗೆ ಹೆಚ್ಚು ಹೇಳಬೇಕಾಗಿಲ್ಲ. 70 ಮೀಟರ್ ರೆಕ್ಕೆಯ, ಹಿಂದಿನಿಂದ ತಳ್ಳುವ ಪ್ರೊಪೆಲರ್‌ಗಳ ಆರು ಎಂಜಿನ್‌ಗಳ ಜೊತೆಗೆ ಆಮೇಲೆ ನಾಲ್ಕು ಜೆಟ್‌ಗಳನ್ನೂ ಸೇರಿಸಿಕೊಂಡ ಆ ವಿಮಾನ ಸುಮಾರು 19 ಟನ್ ತೂಗುತ್ತಿದ್ದ ಮಾರ್ಕ್ 17 ಜಲಜನಕ ಬಾಂಬನ್ನು ಹೊರುತ್ತಿತ್ತು, ಮತ್ತು ಯಾವ ಯುದ್ಧದಲ್ಲೂ ಒಂದು ಬಾಂಬನ್ನೂ ಹಾಕದೆ 1959ರಲ್ಲಿ ನಿವೃತ್ತವಾಯಿತು.

1952ರ ಏಪ್ರಿಲ್ 15ರಂದು ಹಾರಿದ ಎಂಟು ಜೆಟ್‌ಗಳ ಬಿ-52 ಪರಮಾಣು ಬಾಂಬಿಗೆಂದೇ ಹುಟ್ಟಿದರೂ ಹೆಸರು ಮಾಡಿದ್ದು ವಿಯೆಟ್ನಾಂನ ಸಾಧಾರಣ ಬಾಂಬುಗಳಿಂದ. ಡಿ ಮಾದರಿಯ ಹೊಟ್ಟೆಯನ್ನು ಮಾರ್ಪಡಿಸಿದಾಗ, ಅಲ್ಲಿಯವರೆಗೆ 27 ಹಿಡಿಸುತ್ತಿದ್ದ ಜಾಗದಲ್ಲಿ 500 ಪೌಂಡಿನ 84 ಬಾಂಬುಗಳು ಕೂತವು. ರೆಕ್ಕೆಯಡಿಯ 750 ಪೌಂಡಿನ 24 ಸೇರಿ 108, ಒಟ್ಟು ಸುಮಾರು 27 ಟನ್. ರೆಕ್ಕೆಯಡಿ ತೂಗುವ ಬಾಂಬು ಗಾಳಿಯನ್ನು ಕಡಿಮೆ ಎಳೆಯಲೆಂದು 1950ರ ದಶಕದಲ್ಲಿ ನೀಳ ಮೈಯ ಮಾರ್ಕ್ 80 ಸರಣಿಯನ್ನು ರೂಪಿಸಿದ್ದರು. ಮೂರು ಮೂರು ವಿಮಾನಗಳ ತಂಡಗಳು ನೆಲದ ರಾಡಾರ್ ಹೇಳಿದ ಕ್ಷಣದಲ್ಲಿ ಕಾಡಿನ ಒಂದು ಆಯತದ ಮೇಲೆ ಬಾಂಬು ಸುರಿಸುತ್ತಿದ್ದವು. 1972ರ ಡಿಸೆಂಬರಿನಲ್ಲಿ ಹನೋಯ್ ಮೇಲೆ ಇವುಗಳನ್ನೇ ಕಳಿಸಿದಾಗ 11 ದಿನಗಳ ಕಾರ್ಯಾಚರಣೆಯಲ್ಲಿ 15 ವಿಮಾನಗಳು ಉರುಳಿದವು. ಖಾಮ್ ಥಿಯೆನ್ ಬೀದಿಯ ಮನೆಗಳೂ ಬಾಖ್ ಮಾಯ್ ಆಸ್ಪತ್ರೆಯೂ ನುಚ್ಚುನೂರಾದವು.

ಇದೇ ಮಾರ್ಕ್ 80 ಸರಣಿಯ ಬಾಂಬಿಗೆ ಉಪಗ್ರಹ ಸಂಕೇತದಿಂದ ತನ್ನ ದಾರಿ ತಿದ್ದಿಕೊಳ್ಳುವ ಬಾಲವನ್ನು ಜೋಡಿಸಿದ ಮೇಲೆ ಎತ್ತರಕ್ಕೂ ನಿಖರತೆಗೂ ಇದ್ದ ಹಳೆಯ ವೈರ ಬಹುಮಟ್ಟಿಗೆ ತೀರಿತು. ಜೆಡ್ಯಾಮ್ ಎಂಬ ಈ ಜೋಡಣೆಯನ್ನು ಯುದ್ಧದಲ್ಲಿ ಮೊದಲು ಬಳಸಿದ್ದು 1999ರಲ್ಲಿ, ಯುಗೊಸ್ಲಾವಿಯಾದ ಮೇಲೆ, ರಾಡಾರ್ ಕಣ್ಣು ತಪ್ಪಿಸುವ ಬಿ-2 ವಿಮಾನಗಳಿಂದ. 2021ರ ಏರೋ ಇಂಡಿಯಾದಲ್ಲಿ ಯಲಹಂಕದ ಮೇಲೆ ಹಾದುಹೋದ ಬಿ-1ಬಿ ಕೂಡ ಇಂಥ ಬಾಂಬುಗಳನ್ನೇ ಮೂರು ಕೋಣೆಗಳಲ್ಲಿ ಹೊರುವ ವಿಮಾನ. ಗುರಿ ತಪ್ಪದಿದ್ದರೆ ಸಣ್ಣ ಬಾಂಬೇ ಸಾಕು ಎಂಬ ತರ್ಕಕ್ಕೆ ನೆಲದಾಳದ ಕಟ್ಟಡಗಳು ಮಾತ್ರ ಅಪವಾದ: ಅವಕ್ಕಾಗಿ 13,600 ಕಿಲೋ ತೂಕದ ಜಿಬಿಯು-57 ತಯಾರಾಯಿತು, ಬಿ-2 ಅಂಥ ಎರಡನ್ನಷ್ಟೇ ಒಯ್ಯಬಲ್ಲದು. ಅಮೆರಿಕದ ಮಿಸೌರಿಯಿಂದ ಹೊರಟ ಏಳು ಬಿ-2ಗಳು 2025ರ ಜೂನ್ 22ರಂದು ಇರಾನಿನ ಪರಮಾಣು ನೆಲೆಗಳಾದ ಫೋರ್ಡೋ ಮತ್ತು ನತಾನ್ಜ್ ಮೇಲೆ ಅಂಥ 14 ಬಾಂಬುಗಳನ್ನು ಹಾಕಿದವು. ಅಷ್ಟು ಭಾರ ಹೊತ್ತು ಅಷ್ಟು ದೂರಕ್ಕೆ ಬೇಕಾದ ಇಂಧನವನ್ನು ಯಾವ ಬಾಂಬರ್ ಕೂಡ ತಾನೇ ಒಯ್ಯಲಾರದು. ಆಕಾಶದಲ್ಲೇ ಮತ್ತೆಮತ್ತೆ ಇಂಧನ ತುಂಬಿಸಿದ ಟ್ಯಾಂಕರ್ ವಿಮಾನಗಳು ಆ ಪಾಲನ್ನು ಹೊತ್ತಿದ್ದವು.