ಇಂಗ್ಲಿಷ್ ಮತ್ತು ಜರ್ಮನ್: ತಾಯಿ-ಮಗಳಲ್ಲ, ಅಕ್ಕ-ತಂಗಿ

ಜರ್ಮನಿಯ ಆಸ್ಪತ್ರೆಗಳಲ್ಲಿ ಕೆಲಸ ಹಿಡಿಯಲು ಹೊರಟ ನರ್ಸ್‌ಗಳಿಗೆ ಬೆಂಗಳೂರಿನಲ್ಲಿ ಜರ್ಮನ್ ಕಲಿಸುವುದು ನನ್ನ ಕೆಲಸ. ಪ್ರತಿ ಬ್ಯಾಚಿನಲ್ಲೂ ಒಬ್ಬರಾದರೂ ಅದೇ ಹಳ್ಳಕ್ಕೆ ಬೀಳುತ್ತಾರೆ. ಇಂಗ್ಲಿಷಿನ ‘ಬಿಕಮ್’ ನೆನಪಾಗಿ ಜರ್ಮನ್ನಿನ ‘ಬೆಕೊಮೆನ್’ ಬಳಸುತ್ತಾರೆ. ಅದರ ಅರ್ಥ ‘ಆಗು’ ಅಲ್ಲ, ‘ಪಡೆ’. ‘ನಾನು ನರ್ಸ್ ಆಗಬೇಕು’ ಎಂದು ಬರೆಯಲು ಹೋದವರು ‘ನನಗೊಬ್ಬ ನರ್ಸ್ ಬೇಕು’ ಎಂದು ಬರೆದಿರುತ್ತಾರೆ. ಎಲ್ಲರೂ ನಕ್ಕು ಸುಮ್ಮನಾದ ಮೇಲೆ ಹಿಂದಿನ ಬೆಂಚಿನಿಂದ ಪ್ರಶ್ನೆ ಬರುತ್ತದೆ: “ಇಂಗ್ಲಿಷ್ ಹುಟ್ಟಿದ್ದೇ ಜರ್ಮನ್‌ನಿಂದ ಅಂತಾರಲ್ಲ ಮೇಡಂ, ಮತ್ತೆ ಅರ್ಥ ಯಾಕೆ ಬೇರೆ?”

ಕನ್ನಡ ತಮಿಳಿನಿಂದ ಹುಟ್ಟಿತು ಅಂದರೆ ಒಪ್ಪುತ್ತೀರಾ ಎಂದು ನಾನು ತಿರುಗಿ ಕೇಳುತ್ತೇನೆ. ಮಂಡ್ಯದ ಹುಡುಗಿಯರು ಒಟ್ಟಿಗೇ “ಇಲ್ಲ” ಅನ್ನುತ್ತಾರೆ. ಇದೂ ಹಾಗೆಯೇ. ಎರಡೂ ಒಂದೇ ಒಡಲಿನಿಂದ ಬಂದವು, ಒಂದು ಇನ್ನೊಂದರ ಮಗಳಲ್ಲ.

ಐದನೆಯ ಶತಮಾನದಲ್ಲಿ ರೋಮನ್ ಸೇನೆ ಬ್ರಿಟನ್ನಿನಿಂದ ಕಾಲ್ತೆಗೆದ ಮೇಲೆ ಉತ್ತರ ಸಮುದ್ರದ ಆಚೆ ದಡದ ಜನ ದೋಣಿಗಳಲ್ಲಿ ದ್ವೀಪಕ್ಕೆ ಬರತೊಡಗಿದರು. ಬೀಡ್ ಎಂಬ ಸನ್ಯಾಸಿ 731ರಲ್ಲಿ ಮುಗಿಸಿದ ಚರಿತ್ರೆಯಲ್ಲಿ ಅವರನ್ನು ಆಂಗಲ್, ಸ್ಯಾಕ್ಸನ್, ಜೂಟ್ ಎಂದು ಮೂರು ಪಂಗಡ ಮಾಡಿ ಹೇಳುತ್ತಾನೆ. ಆಂಗಲ್ಲರ ನಾಡು ಆಂಗೆಲ್ನ್ ಎಂಬ ಹೆಸರಿನಲ್ಲಿ ಜರ್ಮನಿಯ ಉತ್ತರ ತುದಿಯಲ್ಲಿ, ಡೆನ್ಮಾರ್ಕ್ ಗಡಿಯ ಹತ್ತಿರ ಇವತ್ತಿಗೂ ಇದೆ. ಆಗ ‘ಜರ್ಮನಿ’ ಎಂಬ ದೇಶವೂ ಇರಲಿಲ್ಲ, ‘ಇಂಗ್ಲೆಂಡ್’ ಕೂಡ ಇರಲಿಲ್ಲ. ಇದ್ದದ್ದು ಒಬ್ಬರ ಮಾತು ಇನ್ನೊಬ್ಬರಿಗೆ ತಿಳಿಯುವಷ್ಟು ಹತ್ತಿರದ ಕರಾವಳಿ ಜನ.

ಒಂದು ಎಚ್ಚರಿಕೆಯನ್ನು ಇಲ್ಲೇ ಹೇಳಿಬಿಡುತ್ತೇನೆ. ಮಾತಿನ ನಂಟನ್ನು ರಕ್ತದ ನಂಟು ಎಂದು ಓದಬಾರದು. ದ್ವೀಪದಲ್ಲಿ ಮೊದಲೇ ಇದ್ದ ಬ್ರಿಟನ್ನರು ಮಾಯವಾಗಲಿಲ್ಲ, ಬೆರೆತರು. ಮೇಲೆ ಸ್ಕ್ಯಾಂಡಿನೇವಿಯಾದ ವೈಕಿಂಗರು ಬಂದರು, 1066ರಲ್ಲಿ ಫ್ರಾನ್ಸಿನ ಕಡೆಯಿಂದ ಫ್ರೆಂಚ್ ಮಾತಾಡುವ ನಾರ್ಮನ್ನರು ಬಂದರು. ‘ಶುದ್ಧ ಸ್ಯಾಕ್ಸನ್ ರಕ್ತ’ ಎಂದು ಹತ್ತೊಂಬತ್ತನೆಯ ಶತಮಾನದಲ್ಲಿ ಬರೆದವರು ಬೇಕಾದಷ್ಟು ಮಂದಿ. ಆ ಬರಹ ಮುಂದೆ ಎಲ್ಲಿಗೆ ಒಯ್ದಿತು ಎಂಬುದೂ ಗೊತ್ತಿರುವುದೇ.

ಮಾತಿಗೆ ಬರೋಣ. ನಾನು ಬೋರ್ಡಿನ ಮೇಲೆ ಮೊದಲು ಬರೆಯುವುದು ಕನ್ನಡವನ್ನೇ: ಪಾಲ್–ಹಾಲು, ಪುಲಿ–ಹುಲಿ, ಪೂ–ಹೂ. ಹಳಗನ್ನಡದ ‘ಪ’ ಕಾಲಕ್ರಮದಲ್ಲಿ ‘ಹ’ ಆಯಿತು, ತಮಿಳು ‘ಪ’ವನ್ನು ಹಾಗೇ ಉಳಿಸಿಕೊಂಡಿತು. ಜರ್ಮನ್‌ನಲ್ಲೂ ಇಂಥದೇ ನಡೆಯಿತು. ಸುಮಾರು ಆರರಿಂದ ಎಂಟನೆಯ ಶತಮಾನದೊಳಗೆ ದಕ್ಷಿಣದ ಬೆಟ್ಟನಾಡಿನಲ್ಲಿ ‘ಪ’ ‘ಫ’ ಆಯಿತು, ‘ಟ’ ‘ಸ’ ಅಥವಾ ‘ತ್ಸ’ ಆಯಿತು, ‘ಕ’ ಗಂಟಲಿನ ‘ಖ’ ಆಯಿತು. ಇಂಗ್ಲಿಷಿನ ಶಿಪ್ ಅಲ್ಲಿ ಶಿಫ್, ವಾಟರ್ ವಾಸ್ಸರ್, ಟೆನ್ ತ್ಸೇನ್, ಬುಕ್ ಬೂಖ್, ಮೇಕ್ ಮಾಖೆನ್. ಅಂದರೆ ಈ ವಿಷಯದಲ್ಲಿ ಇಂಗ್ಲಿಷ್ ತಮಿಳಿನಂತೆ ಹಳೆಯದನ್ನು ಹಿಡಿದುಕೊಂಡಿತು, ಜರ್ಮನ್ ಕನ್ನಡದಂತೆ ಹೊರಳಿಕೊಂಡಿತು. ಇಷ್ಟು ಗೊತ್ತಾದರೆ ವಿದ್ಯಾರ್ಥಿಗಳು ನೂರಾರು ಪದಗಳನ್ನು ಉರು ಹೊಡೆಯಬೇಕಾಗಿಲ್ಲ, ಊಹಿಸಬಹುದು.

ಇಂಗ್ಲಿಷ್ ತಾನೂ ಸುಮ್ಮನೆ ಕೂತಿರಲಿಲ್ಲ. ನಮ್ಮ ‘ತೋಂಟ’ ತೋಟವಾಗಿ, ‘ದಾಂಟು’ ದಾಟು ಆದ ಹಾಗೆ ಅದು ಕೆಲವೆಡೆ ಅನುನಾಸಿಕವನ್ನು ಕಳೆದುಕೊಂಡಿತು. ಜರ್ಮನ್ ಫ್ಯುನ್ಫ್, ಇಂಗ್ಲಿಷ್ ಫೈವ್. ಜರ್ಮನ್ ಗಾನ್ಸ್, ಇಂಗ್ಲಿಷ್ ಗೂಸ್. ಸ್ವಾರಸ್ಯ ಇರುವುದು ನಡುವೆ. ಉತ್ತರ ಜರ್ಮನಿಯ ತಗ್ಗುನಾಡಿನ ಆಡುಮಾತು ‘ಪ್ಲಾಟ್’ನಲ್ಲಿ ಐದಕ್ಕೆ ಫೀಫ್, ಹೆಬ್ಬಾತಿಗೆ ಗೋಸ್, ನೀರಿಗೆ ವಾಟರ್, ಮಾಡುವುದಕ್ಕೆ ಮಾಕೆನ್. ಅದನ್ನು ಕೇಳಿದವರಿಗೆ ಇದು ಜರ್ಮನ್ನೋ ಇಂಗ್ಲಿಷೋ ಎಂದು ಅನುಮಾನ ಬರುತ್ತದೆ. ‘ಮಾಕೆನ್’ ಅನ್ನುವವರನ್ನೂ ‘ಮಾಖೆನ್’ ಅನ್ನುವವರನ್ನೂ ಬೇರ್ಪಡಿಸಿ ಭಾಷಾವಿಜ್ಞಾನಿಗಳು ಎಳೆದ ಗೆರೆಗೆ ಡ್ಯುಸೆಲ್‌ಡಾರ್ಫ್ ನಗರದ ಬೆನ್‌ರಾತ್ ಎಂಬ ಬಡಾವಣೆಯ ಹೆಸರಿದೆ.

ಅರ್ಥ ಬೇರೆಯಾಗುವುದು ಒಂದೇ ಮನೆಯಿಂದ ಎದ್ದು ಹೋಗಿ ಬೇರೆ ಬೇರೆ ಸಂಸಾರ ಹೂಡಿದಾಗ. ಇಂಗ್ಲಿಷಿನ ‘ನೈಟ್’ ಕುದುರೆ ಏರಿದ ವೀರ, ಅದೇ ಪದ ಜರ್ಮನ್‌ನಲ್ಲಿ ‘ಕ್ನೆಖ್ಟ್’, ಹೊಲದ ಜೀತಗಾರ. ನಮಗಿದು ವಿಚಿತ್ರ ಅನ್ನಿಸಬಾರದು. ನಮ್ಮ ‘ಆಳು’ ಕೂಲಿಯವನೂ ಹೌದು, ‘ಕಟ್ಟಾಳು’ ಆದಾಗ ವೀರನೂ ಹೌದು. ‘ಗಿಫ್ಟ್’ ಇಂಗ್ಲಿಷಿನಲ್ಲಿ ಉಡುಗೊರೆ, ಜರ್ಮನ್‌ನಲ್ಲಿ ವಿಷ. ಎರಡೂ ‘ಕೊಡು’ ಎಂಬ ಕ್ರಿಯಾಪದದಿಂದಲೇ ಬಂದವು, ವಿಷ ‘ಕೊಟ್ಟದ್ದು’ ವಿಷದ ಹೆಸರೇ ಆಗಿಬಿಟ್ಟಿತು. ಹಳೆಯ ಅರ್ಥ ಜರ್ಮನ್‌ನಲ್ಲಿ ಉಳಿದಿರುವುದು ‘ಮಿಟ್‌ಗಿಫ್ಟ್’ ಎಂಬ ಪದದಲ್ಲಿ. ಅಂದರೆ ಹೆಣ್ಣಿನ ಜೊತೆ ಕೊಡುವ ವರದಕ್ಷಿಣೆ. ಇದನ್ನು ಹೇಳಿದಾಗ ನಮ್ಮ ಹುಡುಗಿಯರು “ಅದೂ ವಿಷಾನೇ ಬಿಡಿ ಮೇಡಂ” ಅನ್ನದ ಬ್ಯಾಚ್ ಇಲ್ಲ.

ನಾರ್ಮನ್ನರ ಆಳ್ವಿಕೆಯಲ್ಲಿ ಇಂಗ್ಲಿಷಿಗೆ ಫ್ರೆಂಚ್ ಪದಗಳು ನುಗ್ಗಿದವು. ನಮ್ಮ ಹಸು, ಹೊಲ, ನೀರು ಉಳಿದು ಕಚೇರಿಗೆ ವಕೀಲ, ಜಾಮೀನು, ದಾಖಲೆ ಪಾರಸಿ-ಅರಬ್ಬಿಯಿಂದ ಬಂದಂತೆ, ಅಲ್ಲಿ ಮನೆ, ಕೈ, ಅಪ್ಪ, ಹಸು ಜರ್ಮನ್ ನಂಟಿನವು. ನ್ಯಾಯ, ಸಂಸತ್ತು ಫ್ರೆಂಚಿನವು.

ಹೋದವರು ಮೂಲದ ನೆಲವನ್ನು ಮರೆತಿರಲಿಲ್ಲ. ಎಂಟನೆಯ ಶತಮಾನದಲ್ಲಿ ಇಂಗ್ಲೆಂಡಿನ ವಿನ್‌ಫ್ರಿತ್ ಎಂಬ ಪಾದ್ರಿ ಜರ್ಮನ್ ನೆಲದಲ್ಲಿ ಕ್ರೈಸ್ತ ಮತ ಹರಡಲು ಹೊರಟ. ಚರಿತ್ರೆ ಅವನನ್ನು ಕರೆಯುವುದು ಬೊನಿಫೇಸ್ ಎಂದು. ಹಳೆಯ ನೆಲದಲ್ಲೇ ಉಳಿದಿದ್ದ ಸ್ಯಾಕ್ಸನ್ನರಿಗಾಗಿ ಪ್ರಾರ್ಥಿಸಿ ಎಂದು ತನ್ನ ನಾಡಿನವರಿಗೆ ಪತ್ರ ಬರೆಯುತ್ತಾ, ‘ನಾವು ಒಂದೇ ರಕ್ತ, ಒಂದೇ ಎಲುಬಿನವರು’ ಎಂದು ಅವರೇ ಅನ್ನುತ್ತಾರೆ ಎಂದ. 754ರಲ್ಲಿ ಫ್ರೀಸ್‌ಲ್ಯಾಂಡಿನಲ್ಲಿ ಅವನನ್ನು ಕೊಂದರು. ಸಮಾಧಿ ಜರ್ಮನಿಯ ಫುಲ್ಡಾದಲ್ಲಿದೆ.

ಆಮೇಲಿನದು ವ್ಯಾಪಾರದ ಕಾಲ. ಹಾನ್ಸೆ ಒಕ್ಕೂಟದ ಜರ್ಮನ್ ವರ್ತಕರಿಗೆ ಲಂಡನ್ನಿನಲ್ಲಿ ಸ್ವಂತ ಗೋಡೆ, ಗೋದಾಮುಗಳ ಕೇರಿಯೇ ಇತ್ತು. 1598ರಲ್ಲಿ ಎಲಿಜಬೆತ್ ರಾಣಿ ಅವರ ವಿಶೇಷ ಹಕ್ಕುಗಳನ್ನು ಕಿತ್ತುಹಾಕಿದಳು. ಇಂಗ್ಲೆಂಡಿನಲ್ಲಿ 1476ರಲ್ಲಿ ಮೊದಲ ಅಚ್ಚುಕೂಟ ತೆರೆದ ಕ್ಯಾಕ್ಸ್‌ಟನ್ ಆ ವಿದ್ಯೆ ಕಲಿತದ್ದು ಜರ್ಮನಿಯ ಕಲೋನ್‌ನಲ್ಲಿ.

1714ರಲ್ಲಿ ಮಕ್ಕಳಿಲ್ಲದ ಆ್ಯನ್ ರಾಣಿ ತೀರಿಕೊಂಡಾಗ, ಹತ್ತಿರದ ಐವತ್ತಕ್ಕೂ ಹೆಚ್ಚು ಕ್ಯಾಥೊಲಿಕ್ ದಾಯಾದಿಗಳನ್ನು ಬಿಟ್ಟು ಜರ್ಮನ್ ಸೀಮೆಯಾದ ಹ್ಯಾನೋವರ್‌ನ ಪ್ರಾಟೆಸ್ಟೆಂಟ್ ದೊರೆ ಜಾರ್ಜ್‌ನನ್ನು ಕರೆತಂದು ಪಟ್ಟ ಕಟ್ಟಿದರು. ಹ್ಯಾನೋವರ್ ಆಸ್ಥಾನದಿಂದ ರಜೆ ಪಡೆದು ಲಂಡನ್ನಿಗೆ ಹೋದ ಸಂಗೀತಗಾರ ಹ್ಯಾಂಡಲ್ ಅಲ್ಲೇ ತಳವೂರಿದ್ದ. ತಾನು ಬಿಟ್ಟುಬಂದ ಯಜಮಾನನೇ ಇಲ್ಲಿಗೆ ರಾಜನಾಗಿ ಬಂದಾಗ ಅವನ ಮುಖ ಹೇಗಿದ್ದಿರಬಹುದು! ಮುಂದೆ 123 ವರ್ಷ ಎರಡೂ ಸಿಂಹಾಸನಗಳಿಗೆ ಒಬ್ಬನೇ ಒಡೆಯ. ಆ ನಂಟಿನ ಅಲೆ ನಮ್ಮ ಕಡೆಗೂ ಬಂತು. 1782ರಲ್ಲಿ ಹ್ಯಾನೋವರ್ ರೆಜಿಮೆಂಟುಗಳು ಮದ್ರಾಸಿಗೆ ಬಂದಿಳಿದು, ಮರುವರ್ಷ ಮೈಸೂರಿನ ಮಿತ್ರರಾಗಿದ್ದ ಫ್ರೆಂಚರ ಎದುರು ಕಡಲೂರಿನಲ್ಲಿ ಕಾದಾಡಿದವು. 1837ರಲ್ಲಿ ಲಂಡನ್ನಿನ ಪಟ್ಟ ವಿಕ್ಟೋರಿಯಾಗೆ ಬಂತು. ಹ್ಯಾನೋವರ್‌ನಲ್ಲಿ ಗಂಡು ವಾರಸುದಾರ ಇರುವಾಗ ಹೆಣ್ಣಿಗೆ ಪಟ್ಟವಿಲ್ಲ. ಹಾಗಾಗಿ ಅದು ಅವಳ ಚಿಕ್ಕಪ್ಪನಿಗೆ ಹೋಯಿತು, ಎರಡು ಮನೆ ಬೇರೆಯಾದವು.

ವಿಕ್ಟೋರಿಯಾಳ ಮೊದಲ ಮೊಮ್ಮಗ ಜರ್ಮನಿಯ ಚಕ್ರವರ್ತಿ ಕೈಸರ್ ವಿಲ್‌ಹೆಲ್ಮ್. ದಾಯಾದಿ ಮತ್ಸರ ಎಂಬ ನಮ್ಮ ಮಾತಿಗೆ ಯುರೋಪಿನಲ್ಲಿ ಇದಕ್ಕಿಂತ ದೊಡ್ಡ ಉದಾಹರಣೆ ನನಗೆ ಕಾಣದು. ಮೊದಲ ಮಹಾಯುದ್ಧ ನಡೆಯುತ್ತಿದ್ದ 1917ರ ಜೂನ್‌ನಲ್ಲಿ ‘ಗೋಥಾ’ ಎಂಬ ಜರ್ಮನ್ ವಿಮಾನಗಳು ಲಂಡನ್ ಮೇಲೆ ಬಾಂಬು ಸುರಿಸಿದವು. ಆಗ ಬ್ರಿಟಿಷ್ ರಾಜಮನೆತನದ ಹೆಸರು ಸಾಕ್ಸೆ-ಕೋಬರ್ಗ್-ಗೋಥಾ! ಜುಲೈ 17ಕ್ಕೆ ಅದು ವಿಂಡ್ಸರ್ ಆಯಿತು. ಆ ಯುದ್ಧದಲ್ಲೇ ಮಂಗಳೂರಿನ ಬಾಸೆಲ್ ಮಿಷನ್ನಿನ ಜರ್ಮನ್ ಪಾದ್ರಿಗಳು ‘ಶತ್ರು’ಗಳಾಗಿ ಬಂಧನಕ್ಕೊಳಗಾದರು, ಹಂಚಿನ ಕಾರ್ಖಾನೆಗಳು ಅವರ ಕೈತಪ್ಪಿದವು.

ಎರಡನೆಯ ಯುದ್ಧದ ಬೂದಿಯ ಮೇಲೆ, 1946ರಲ್ಲಿ, ಹ್ಯಾನೋವರ್ ಸೀಮೆಯನ್ನು ಅಕ್ಕಪಕ್ಕದ ನಾಡುಗಳೊಂದಿಗೆ ಸೇರಿಸಿ ಲೋವರ್ ಸ್ಯಾಕ್ಸನಿ ರಾಜ್ಯ ಮಾಡಿದವರು ಬ್ರಿಟಿಷ್ ಸೇನಾಡಳಿತದವರು. ಸ್ಯಾಕ್ಸನ್ನರ ಹಳೆಯ ನೆಲಕ್ಕೆ ಹೊಸ ಗಡಿ ಹಾಕಿದ್ದು ದ್ವೀಪಕ್ಕೆ ಹೋದವರೇ. ಆ ರಾಜ್ಯದ ಲಾಂಛನ ಬಿಳಿ ಕುದುರೆ. ಇಂಗ್ಲೆಂಡಿನ ಕೆಂಟ್ ಸೀಮೆಯದೂ ಬಿಳಿ ಕುದುರೆಯೇ.

ಅದೇ ರಾಜ್ಯದ ಕಡಲಂಚಿನಲ್ಲಿ ಈಸ್ಟ್ ಫ್ರಿಸಿಯಾ ಇದೆ. ಅಲ್ಲಿಯ ಹಳ್ಳಿಗರ ಮಾತು ಪ್ಲಾಟ್. ಅಲ್ಲಿನ ರೆಸ್ಟರ್‌ಹಾಫೆ ಎಂಬ ಊರಿನಲ್ಲಿ 1832ರಲ್ಲಿ ಫರ್ಡಿನಾಂಡ್ ಕಿಟ್ಟೆಲ್ ಹುಟ್ಟಿದರು. 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಅವರ ಕನ್ನಡ-ಇಂಗ್ಲಿಷ್ ನಿಘಂಟು ತರಗತಿಯ ಮೇಜಿನ ಮೇಲೆ ಸದಾ ಇರುತ್ತದೆ. ಕನ್ನಡದ ಪದಗಳಿಗೆ ತಮಿಳು, ಮಲಯಾಳ, ತೆಲುಗಿನ ನೆಂಟರನ್ನು ಅವರು ಜೋಡಿಸಿಟ್ಟ ರೀತಿಯನ್ನು ತೋರಿಸುತ್ತೇನೆ. “ಜರ್ಮನ್ನರು ಅಂತೀರಿ, ಕನ್ನಡಕ್ಕೆ ಇಂಗ್ಲಿಷಿನಲ್ಲಿ ಯಾಕೆ ಅರ್ಥ ಬರೆದರು ಮೇಡಂ?” ಎಂದು ಒಬ್ಬಳು ಕೇಳಿದಳು. ಇಲ್ಲಿಯ ಕಚೇರಿ, ಶಾಲೆ, ಕೋರ್ಟು ಎಲ್ಲ ಇಂಗ್ಲಿಷಿನವರ ಕೈಯಲ್ಲಿತ್ತು, ಅದಕ್ಕೇ ಎಂದೆ. ಆಮೇಲೆ ಇಸವಿ ಲೆಕ್ಕ ಹಾಕಿಸಿದೆ. 1832ರಲ್ಲಿ ಈಸ್ಟ್ ಫ್ರಿಸಿಯಾ ಹ್ಯಾನೋವರ್ ರಾಜ್ಯದ್ದು, ಹ್ಯಾನೋವರ್ ರಾಜ ನಾಲ್ಕನೆಯ ವಿಲಿಯಂ, ಅವನು ಕೂತಿದ್ದದ್ದು ಲಂಡನ್ನಿನಲ್ಲಿ. ಕಿಟ್ಟೆಲ್ ಹುಟ್ಟಿದ ದಿನ ಅವರ ದೊರೆಯ ಮನೆಮಾತೂ ಇಂಗ್ಲಿಷೇ.