ಎತ್ತುವ ಮೊದಲು ಅಳೆಯಿರಿ: ಪುರಾತನ ವಸ್ತುಗಳ ಸಿನಿಮಾ ಮಾಡುವವರಿಗೆ

ಪುರಾತನ ವಸ್ತು ಸಿಗುವ ಸಿನಿಮಾಗಳಲ್ಲಿ ಒಂದು ದೃಶ್ಯ ಖಾಯಂ. ನಾಯಕ ಮಂಡಿಯೂರಿ ಮಣ್ಣು ಸರಿಸುತ್ತಾನೆ, ಉಫ್ ಎಂದು ದೂಳು ಊದುತ್ತಾನೆ, ಮೂರ್ತಿಯನ್ನು ಎರಡೂ ಕೈಯಲ್ಲಿ ಎತ್ತಿ ಬೆಳಕಿಗೆ ಹಿಡಿಯುತ್ತಾನೆ. ಸಂಗೀತ ಏರುತ್ತದೆ. ಆ ವಸ್ತು ಹೇಳಬಹುದಾಗಿದ್ದ ಬಹುಪಾಲು ಸಂಗತಿ ಹಾಳಾಗುವುದು ಅದೇ ಕ್ಷಣದಲ್ಲಿ. ಅದು ಎಷ್ಟು ಆಳದಲ್ಲಿತ್ತು, ಯಾವ ಪದರದಲ್ಲಿತ್ತು, ಯಾವ ದಿಕ್ಕಿಗೆ ಮುಖ ಮಾಡಿ ಬಿದ್ದಿತ್ತು, ಪಕ್ಕದಲ್ಲಿ ಇದ್ದಿಲು ಇತ್ತೋ ಮೂಳೆ ಇತ್ತೋ, ಯಾವುದೂ ದಾಖಲಾಗಲಿಲ್ಲ. ನಮ್ಮ ಭಾಗದಲ್ಲೂ ಈಗ ಹುಡುಗರು ಕಿರುಚಿತ್ರಗಳಿಗೆಂದು ನಿಧಿ, ಶಾಸನ, ಹಾಳು ಕೋಟೆಗಳ ಕಥೆ ಬರೆಯುತ್ತಿದ್ದಾರೆ. ಅವರು ಆ ದೃಶ್ಯವನ್ನು ಸರಿಯಾಗಿ ಕಟ್ಟಲಿ ಎಂಬುದಕ್ಕೆ ಈ ಬರಹ. ಸರಿಯಾಗಿ ಕಟ್ಟಿದರೆ ಕುತೂಹಲ ಹೆಚ್ಚುತ್ತದೆ ಎಂಬುದು ನನ್ನ ಗಟ್ಟಿ ನಂಬಿಕೆ.

ಯಾದಗಿರಿ ಜಿಲ್ಲೆಯ ಹುಣಸಗಿ ಕಣಿವೆಯಲ್ಲಿರುವ ಇಸಾಂಪುರವನ್ನೇ ನೋಡಿ. ಪುಣೆಯ ಡೆಕ್ಕನ್ ಕಾಲೇಜಿನ ಪ್ರೊ. ಕೆ. ಪದ್ದಯ್ಯ ಮತ್ತು ಸಂಗಡಿಗರು ಅಲ್ಲಿ ಅಗೆದಾಗ ಸಿಕ್ಕಿದ್ದು ಸುಮಾರು 12 ಲಕ್ಷ ವರ್ಷ ಹಿಂದಿನವರು ಕಲ್ಲಿನ ಕೈಗೊಡಲಿ ಮಾಡುತ್ತಿದ್ದ ಜಾಗ. ಅಲ್ಲಿ ಒಂದು ಕೈಗೊಡಲಿಗಿಂತ ದೊಡ್ಡ ಸಂಪತ್ತು ಎಂದರೆ ಎಲ್ಲವೂ ಒಟ್ಟಿಗೆ ಬಿದ್ದಿದ್ದುದು: ನೆಲದಿಂದ ಎದ್ದ ಸುಣ್ಣಕಲ್ಲಿನ ಚಪ್ಪಡಿ, ಅದನ್ನು ಬಡಿದ ಗುಂಡುಕಲ್ಲು, ಹಾರಿಬಿದ್ದ ಚಕ್ಕೆ, ಅರ್ಧಕ್ಕೆ ಬಿಟ್ಟ ಹತಾರ. ಇವುಗಳ ನಡುವಿನ ಅಂತರ ಅಳೆದದ್ದರಿಂದ ಕೆಲಸ ಹೇಗೆ ಸಾಗಿತ್ತು ಎಂದು ಹೇಳಲು ಸಾಧ್ಯವಾಯಿತು. ಯಾರಾದರೂ ಚೆಂದದ ಒಂದೇ ಕೊಡಲಿಯನ್ನು ಆರಿಸಿ ಜೇಬಿಗೆ ಹಾಕಿಕೊಂಡಿದ್ದರೆ ಅದು ಬರೀ ಚೂಪಾದ ಕಲ್ಲು. ಸುರಪುರ ಸೀಮೆಯ ಬೂದಿಹಾಳದ ಬೂದಿ ದಿಬ್ಬದಲ್ಲೂ ಚಿನ್ನ ಇರಲಿಲ್ಲ. ನವಶಿಲಾಯುಗದ ದನಗಾಹಿಗಳ ದೊಡ್ಡಿಯ ಸಗಣಿ ಕೂಡಿ, ಸುಟ್ಟು, ಬೂದಿಯಾಗಿ ದಿಬ್ಬವಾದ ಕಥೆ ಪದರ ಪದರವಾಗಿ ಉಳಿದಿತ್ತು. ಇಂಥ ಎಷ್ಟೋ ಬೂದಿ ದಿಬ್ಬಗಳನ್ನು ಹೊಲಕ್ಕೆ ಗೊಬ್ಬರವೆಂದು ಗಾಡಿ ತುಂಬಿ ಸಾಗಿಸಿ ಆಗಿದೆ. ಹೋದದ್ದು ಹೋಯಿತು, ತಿರುಗಿ ಕಟ್ಟಲು ಬರುವುದಿಲ್ಲ.

ಈಗ ಗುಂಡಿಗೆ ಬರೋಣ. ಸಿನಿಮಾದಲ್ಲಿ ಗುಂಡಿ ಎಲ್ಲಿ ಬೇಕಾದರೂ ಬೀಳುತ್ತದೆ. ನಿಜವಾದ ಕೆಲಸ ಶುರುವಾಗುವುದು ಹಗ್ಗ ಮತ್ತು ಗೂಟದಿಂದ. ಜಾಗದಲ್ಲಿ ಕದಲದ ಒಂದು ಬಿಂದು ಗುರುತಿಸಿಕೊಳ್ಳುತ್ತಾರೆ, ಎಲ್ಲ ಆಳವನ್ನೂ ಅಲ್ಲಿಂದಲೇ ಅಳೆಯುತ್ತಾರೆ. ನೆಲವನ್ನು 5 ಅಥವಾ 10 ಮೀಟರಿನ ಚೌಕಗಳಾಗಿ ಹಂಚಿ, ಎರಡು ಚೌಕಗಳ ನಡುವೆ ಅರ್ಧ ಮೀಟರಿನಷ್ಟು ಅಗೆಯದ ಗೋಡೆ ಬಿಡುತ್ತಾರೆ. ಪದರಗಳನ್ನು ಓದುವುದು ಆ ಗೋಡೆಯ ಮೈಮೇಲೆ. 5 ಮೀಟರಿನ ಚೌಕದಲ್ಲಿ ಗೋಡೆ ಬಿಟ್ಟು ಉಳಿಯುವುದು 4.5 ಮೀಟರ್. ಅದರಲ್ಲಿ 10 ಸೆಂ.ಮೀ. ಇಳಿದರೆ ಎರಡು ಘನ ಮೀಟರ್ ಮಣ್ಣು ಏಳುತ್ತದೆ, ಮೂರು ಟನ್ನಿಗೂ ಮೇಲೆ. ಅಷ್ಟನ್ನೂ ಜರಡಿ ಹಿಡಿಯಬೇಕು, ಮಣಿ, ನಾಣ್ಯ, ಇಲಿಯ ಹಲ್ಲು ಸಿಗುವುದು ಅಲ್ಲಿ. ನಾಯಕ ಒಂದು ರಾತ್ರಿಯಲ್ಲಿ ಎರಡಾಳು ಆಳ ಅಗೆದ ಎಂದರೆ ಅವನು ಎಷ್ಟನ್ನು ತುಳಿದುಹಾಕಿದ ಎಂದು ಲೆಕ್ಕ ಹಾಕಿಕೊಳ್ಳಿ.

ನಮ್ಮ ಎರೆಭೂಮಿಯ ಸ್ವಭಾವ ನಾನು ನೋಡಿದ ಯಾವ ಸಿನಿಮಾದಲ್ಲೂ ಬಂದಿಲ್ಲ. ಕಥೆಗೆ ಇದಕ್ಕಿಂತ ಒಳ್ಳೆಯ ತಿರುವು ಸಿಗಲಿಕ್ಕಿಲ್ಲ. ಎರೆಮಣ್ಣಿನ ಜೇಡಿ ಮಳೆಗೆ ಉಬ್ಬುತ್ತದೆ, ಬೇಸಿಗೆಗೆ ಕುಗ್ಗಿ ಸೀಳುತ್ತದೆ. ಆ ಬಿರುಕು ಒಂದು ಮೀಟರ್ ಆಳಕ್ಕೂ ಇಳಿಯಬಹುದು. ಮೇಲಿನ ಬಳೆಚೂರು, ನಿನ್ನೆ ಮೊನ್ನೆಯ ನಾಣ್ಯ, ಕಾಳುಕಡಿ ಅದರೊಳಗೆ ಬೀಳುತ್ತವೆ. ಮಳೆ ಬಂದೊಡನೆ ಬಿರುಕು ಮುಚ್ಚಿಕೊಳ್ಳುತ್ತದೆ. ಆಮೇಲೆ ಅಗೆದವನಿಗೆ ಶಾತವಾಹನರ ಕಾಲದ ಮಡಕೆಚೂರಿನ ಪಕ್ಕ ನಿಜಾಮರ ಕಾಲದ ಕಾಸು ಸಿಗುತ್ತದೆ. ತಿಳಿಯದವನು ಪದರದ ಕಾಲವನ್ನೇ ತಪ್ಪಾಗಿ ಹೇಳಿಬಿಡುತ್ತಾನೆ. ತಿಳಿದವನು ಮೊದಲು ನೆಲವನ್ನು ಕರಣೆಯಿಂದ ಹೆರೆದು ನೋಡುತ್ತಾನೆ. ಬಿರುಕಿಗೆ ತುಂಬಿಕೊಂಡ ಮಣ್ಣು ಸಡಿಲವಾಗಿರುತ್ತದೆ, ಬಣ್ಣ ತುಸು ಬೇರೆ ಇರುತ್ತದೆ, ಪಟ್ಟಿಯ ಹಾಗೆ ಕಾಣುತ್ತದೆ. ಅದನ್ನು ಬೇರೆ ಚೀಲಕ್ಕೆ, ಬೇರೆ ಸಂಖ್ಯೆ ಹಾಕಿ, ಮೊದಲೇ ತೆಗೆದುಬಿಡಬೇಕು.

ಅದೇ ಮಣ್ಣು ಜೀವಕ್ಕೂ ಅಪಾಯ. ನೆಟ್ಟಗೆ ಕಡಿದ ಎರೆಮಣ್ಣಿನ ಗೋಡೆ ಒಣಗುತ್ತ ಹೋದಂತೆ ಹಾಳೆ ಹಾಳೆಯಾಗಿ ಕಳಚುತ್ತದೆ. ಒಂದು ಘನ ಮೀಟರ್ ಮಣ್ಣು ಒಂದೂವರೆ ಟನ್ ತೂಗುತ್ತದೆ, ಎದೆಯ ಮೇಲೆ ಬಿದ್ದರೆ ಉಸಿರು ತೆಗೆದುಕೊಳ್ಳಲು ಆಗುವುದಿಲ್ಲ. ಆದ್ದರಿಂದ ಆಳದ ಗುಂಡಿಗೆ ಮೆಟ್ಟಿಲು ಬಿಡುತ್ತಾರೆ, ತೆಗೆದ ಮಣ್ಣನ್ನು ಅಂಚಿನಿಂದ ಕನಿಷ್ಠ ಒಂದು ಮೀಟರ್ ದೂರ ಸುರಿಯುತ್ತಾರೆ, ಅಂಚಿನಲ್ಲಿ ಯಾರನ್ನೂ ನಿಲ್ಲಗೊಡುವುದಿಲ್ಲ. ಕ್ಯಾಮೆರಾ ಇಟ್ಟು ಐದಾರು ಜನ ಅಂಚಿಗೆ ಬಗ್ಗಿ ನೋಡುವ ಶಾಟ್ ದಯವಿಟ್ಟು ಬೇಡ.

ಮಡಕೆಯೊಂದು ಸಿಕ್ಕಿತೆನ್ನಿ. ಬಾಯಿ ಹಿಡಿದು ಎಳೆದರೆ ಕಂಠ ಮಾತ್ರ ಕೈಗೆ ಬರುತ್ತದೆ. ಸುತ್ತ ಬಿಡಿಸಿ, ಮಡಕೆಯನ್ನು ಮಣ್ಣಿನ ದಿಂಡಿನ ಮೇಲೆ ನಿಲ್ಲಿಸಬೇಕು. ಉತ್ತರ ದಿಕ್ಕಿನ ಬಾಣ, ಅಳತೆ ಪಟ್ಟಿ ಇಟ್ಟು ಫೋಟೋ. ಎರಡು ಬದಿಯಿಂದ ದೂರ, ಬಿಂದುವಿನಿಂದ ಆಳ, ನಕ್ಷೆಯಲ್ಲಿ ಗುರುತು. ಆಮೇಲೆ ಬಟ್ಟೆಯ ಬ್ಯಾಂಡೇಜ್ ಸುತ್ತಿ, ಕೆಳಗಿನಿಂದ ಮಣ್ಣು ಕೊರೆದು, ತಗಡು ತೂರಿಸಿ, ಮಣ್ಣಿನ ಸಮೇತ ಎತ್ತುತ್ತಾರೆ. ಒಳಗಿನ ಮಣ್ಣನ್ನು ಅಲ್ಲೇ ಸುರಿಯುವುದಿಲ್ಲ. ಅದನ್ನು ನೀರಿಗೆ ಹಾಕಿ ಕಲಕಿದರೆ ಸುಟ್ಟು ಕರಿಕಾದ ಕಾಳುಗಳು ತೇಲುತ್ತವೆ, ತೆಳು ಬಟ್ಟೆಯಲ್ಲಿ ಹಿಡಿದು ನೆರಳಲ್ಲಿ ಒಣಗಿಸುತ್ತಾರೆ. ಆ ಮನೆಯಲ್ಲಿ ಏನು ಉಣ್ಣುತ್ತಿದ್ದರು ಎಂಬುದಕ್ಕೆ ಅದೇ ಸಾಕ್ಷಿ.

ಬ್ರಷ್ ಕೂಡ ಸಿನಿಮಾದವರು ಎಲ್ಲೆಂದರಲ್ಲಿ ಆಡಿಸುವ ಹತಾರ. ಒಣ ದೂಳಿಗೆ ಅದು ಸರಿ. ಹಸಿ ಎರೆಮಣ್ಣಿನ ಮೇಲೆ ಬ್ರಷ್ ಆಡಿಸಿದರೆ ಮಣ್ಣು ಮೆತ್ತಿಕೊಂಡು ಎಲ್ಲ ಒಂದೇ ಬಣ್ಣವಾಗುತ್ತದೆ, ಪದರದ ಗೆರೆ ಮಾಯವಾಗುತ್ತದೆ. ಅಲ್ಲಿ ಬಿದಿರಿನ ಕಡ್ಡಿ, ಹಲ್ಲಿನ ಡಾಕ್ಟರ ಸಣ್ಣ ಕೊಕ್ಕೆ, ಚಿಕ್ಕ ಕರಣೆ ಬೇಕು. ಎತ್ತಿ ಬಿಸಿಲಿಗೆ ಹಿಡಿಯುವುದಂತೂ ಕೂಡದು. ಸಾವಿರಾರು ವರ್ಷ ತೇವದಲ್ಲಿದ್ದ ಮೂಳೆ, ದಂತ, ಗಚ್ಚು ಕಲಬುರಗಿಯ ಬಿಸಿಲಿಗೆ ಬಂದರೆ ನೋಡುತ್ತಿದ್ದಂತೆ ಸೀಳುತ್ತವೆ. ಮೇಲೊಂದು ನೆರಳು ಕಟ್ಟಿ ನಿಧಾನ ಆರಿಸಬೇಕು. ಕಾಲ ನಿರ್ಣಯದ ಒಂದು ವಿಧಾನದಲ್ಲಿ ಮರಳಿನ ಕಣ ಕೊನೆಯ ಬಾರಿ ಬಿಸಿಲು ಕಂಡದ್ದು ಯಾವಾಗ ಎಂದು ಅಳೆಯುತ್ತಾರೆ. ಅದರ ಮಾದರಿಯನ್ನು ಉಕ್ಕಿನ ಕೊಳವೆ ಬಡಿದು, ಬೆಳಕು ಸೋಕದಂತೆ ಎರಡೂ ತುದಿ ಮುಚ್ಚಿ ತರುತ್ತಾರೆ. ಕತ್ತಲಲ್ಲೇ ಉಳಿಯಬೇಕಾದ ವಸ್ತುವೊಂದನ್ನು ನಿಮ್ಮ ಕಥೆಯಲ್ಲಿ ಯೋಚಿಸಿ ನೋಡಿ.

ಲೋಹದ ವಿಷಯದಲ್ಲಿ ಕಲಾ ವಿಭಾಗದವರು ಎಡವುವುದು ಹೆಚ್ಚು. ಮಣ್ಣಿನಿಂದ ಹೊಳೆಯುತ್ತ ಬರುವುದು ಬಂಗಾರ ಒಂದೇ. ಬೆಳ್ಳಿ ಕಪ್ಪಾಗಿ ಬರುತ್ತದೆ, ತಾಮ್ರ ಹಸಿರಾಗಿ, ಕಬ್ಬಿಣ ತುಕ್ಕಿನ ಮುದ್ದೆಯಾಗಿ. ಕತ್ತಿಯ ಆಕಾರ ಎಷ್ಟೋ ಸಲ ಎಕ್ಸ್‌ರೇ ತೆಗೆದರೆ ಮಾತ್ರ ಕಾಣುತ್ತದೆ. ಆದ್ದರಿಂದ ನೆಲದಿಂದ ಎತ್ತಿದೊಡನೆ ಝಗ್ಗೆನ್ನುವ ಖಡ್ಗ ಸುಳ್ಳು. ಸೀಸದ ನಾಣ್ಯಗಳು ಇನ್ನೂ ನಾಜೂಕು. ಶಾತವಾಹನರು ಸೀಸದ ನಾಣ್ಯ ಹೊಡೆಸಿದ್ದರು. ಅವನ್ನು ಹುಣಸೆಹಣ್ಣು ಹಚ್ಚಿ ತಿಕ್ಕಿದರೆ ಅಕ್ಷರವೇ ಅಳಿಸುತ್ತದೆ. ಮರದ ಪೆಟ್ಟಿಗೆಯಲ್ಲಿಟ್ಟರೆ ಮರ ಬಿಡುವ ಆಮ್ಲದ ಆವಿಗೆ ವರ್ಷಗಳಲ್ಲಿ ಬಿಳಿ ಪುಡಿಯಾಗುತ್ತವೆ. ಸಿಕ್ಕ ನಾಣ್ಯವನ್ನು ತಿಕ್ಕದೆ ಹಾಗೇ ಬಿಡುವುದೇ ದೊಡ್ಡ ಉಪಕಾರ.

ತೂಕದ ಲೆಕ್ಕವೂ ಹಾಗೆಯೇ. ಒಂದು ಲೀಟರ್ ಹಿಡಿಯುವ ಚೊಂಬಿನಷ್ಟು ಗಾತ್ರದ ಗಟ್ಟಿ ಬಂಗಾರ 19 ಕಿಲೋಗೂ ಮೇಲೆ ತೂಗುತ್ತದೆ. ಅದೇ ಚೊಂಬಿನಷ್ಟು ಒಣ ಮರಳು ಒಂದೂವರೆ ಕಿಲೋ ಚಿಲ್ಲರೆ. ಸಿನಿಮಾದಲ್ಲಿ ತೂಕ ತಪ್ಪಿದರೆ ಅಪಾಯ ತರುವ ಪೀಠದಿಂದ ಬಂಗಾರದ ಮೂರ್ತಿ ಎತ್ತಿ, ಅದರ ಜಾಗದಲ್ಲಿ ಅಷ್ಟೇ ದೊಡ್ಡ ಮರಳಿನ ಚೀಲ ಇಟ್ಟು ಪಾರಾಗುವ ಉಪಾಯ ನಡೆಯಬೇಕಾದರೆ ಚೀಲ ಹನ್ನೆರಡು ಪಟ್ಟು ದೊಡ್ಡದಿರಬೇಕು. 40 ಸೆಂ.ಮೀ. ಉದ್ದ, 30 ಅಗಲ, 25 ಎತ್ತರದ ಪೆಟ್ಟಿಗೆಯಲ್ಲಿ ಚಿನ್ನದ ನಾಣ್ಯ ತುಂಬಿ, ನಡುವಿನ ಸಂದು ಕಳೆದರೂ ಮೂರು ಕ್ವಿಂಟಲ್ ದಾಟುತ್ತದೆ. ನಾಯಕ ಅದನ್ನು ಹೆಗಲಿಗೇರಿಸಿ ಓಡುವುದು ಆಗದ ಮಾತು. ನಕಲಿ ಮೂರ್ತಿಯೊಳಗೆ ಐದಾರು ಕಿಲೋ ಕಬ್ಬಿಣದ ತುಂಡು ತುಂಬಿ, ನಟನ ತೋಳಿನ ನರ ತಾನಾಗಿಯೇ ಬಿಗಿಯುತ್ತದೆ.

ಇನ್ನು ಶಾಸನ. ಸಿನಿಮಾದ ಪ್ರೊಫೆಸರ್ ಬ್ಯಾಟರಿಯನ್ನು ಕಲ್ಲಿನ ಎದುರಿಗೆ ಹಿಡಿದು ಸರಸರ ಓದುತ್ತಾನೆ. ಎದುರು ಬೆಳಕಿಗೆ ಸವೆದ ಅಕ್ಷರ ಮಾಯವಾಗುತ್ತದೆ. ದೀಪವನ್ನು ಪಕ್ಕದಿಂದ, ಕಲ್ಲಿನ ಮೈಗೆ ಒತ್ತಿದಂತೆ ಓರೆಯಾಗಿ ಹಿಡಿಯಿರಿ. ಪ್ರತಿ ಗೀರಿನಲ್ಲೂ ನೆರಳು ತುಂಬಿ ಸಾಲುಗಳು ಎದ್ದು ಬರುತ್ತವೆ. ದೀಪವನ್ನು ಎಡದಿಂದ ಮೇಲಕ್ಕೆ ಸರಿಸಿದರೆ ಅದುವರೆಗೆ ಕಾಣದ ಅಕ್ಷರ ಕಾಣುತ್ತದೆ. ಯಾವ ಗ್ರಾಫಿಕ್ಸೂ ಇದಕ್ಕೆ ಸಮನಲ್ಲ. ಶಾಸನವನ್ನು ಕಾಗದಕ್ಕೆ ಪ್ರತಿ ಇಳಿಸಿಕೊಳ್ಳುವುದೂ ಕ್ಯಾಮೆರಾಕ್ಕೆ ಹೇಳಿ ಮಾಡಿಸಿದ ಕೆಲಸ. ಕಲ್ಲನ್ನು ನೀರು ಮತ್ತು ಮೆದು ಬ್ರಷ್‌ನಿಂದ ತೊಳೆದು, ನೆನೆದ ಕಾಗದ ಹಾಸಿ, ಗಟ್ಟಿ ಕೂದಲಿನ ಬ್ರಷ್‌ನಿಂದ ತಟ್ಟಿ ತಟ್ಟಿ ಕಾಗದವನ್ನು ಅಕ್ಷರದ ತಗ್ಗಿಗೆ ಇಳಿಸುತ್ತಾರೆ. ಅರೆ ಆರಿದ ಮೇಲೆ ಶಾಯಿ ಹೀರಿದ ಬಟ್ಟೆಯುಂಡೆಯಿಂದ ಮೇಲೆ ಮೇಲೆ ಒತ್ತುತ್ತಾರೆ. ಕಾಗದ ಕಪ್ಪಾಗುತ್ತದೆ, ಅಕ್ಷರ ಬೆಳ್ಳಗೆ ಉಳಿಯುತ್ತದೆ. ಕಾಗದ ಬೇಗ ಕಿತ್ತರೆ ಹರಿಯುತ್ತದೆ, ಶಾಯಿ ಹೆಚ್ಚಾದರೆ ಕಲ್ಲಿಗೂ ಇಳಿದು ಕಲೆ ಬಿಡುತ್ತದೆ. ಅನುಮತಿ ಇಲ್ಲದೆ, ಅಭ್ಯಾಸ ಇಲ್ಲದೆ ಇದಕ್ಕೆ ಕೈ ಹಾಕಬಾರದು. ಸೀಮೆಸುಣ್ಣ, ಎಣ್ಣೆ, ವಿಭೂತಿ ತಿಕ್ಕಿ ಓದುವುದನ್ನು ತೋರಿಸಲೇಬೇಡಿ, ನೋಡಿದವರು ಹಾಗೆಯೇ ಮಾಡುತ್ತಾರೆ.

ಪತ್ತೆಯ ಕಥೆ ಬೇಕೆಂದರೆ ಭೀಮೆಯ ದಂಡೆಯ ಸನ್ನತಿ ಇದೆ. 1986ರಲ್ಲಿ ಚಂದ್ರಲಾಂಬಾ ದೇವಸ್ಥಾನದ ಆವರಣದ ಕಾಳಿ ಗುಡಿಯ ಛಾವಣಿ ಕುಸಿಯಿತು. ಆಮೇಲೆ ನೋಡಿದರೆ ದೇವಿಯ ಪೀಠವಾಗಿದ್ದ ಕಲ್ಲಿನಲ್ಲಿ ಬ್ರಾಹ್ಮಿ ಲಿಪಿ, ಪ್ರಾಕೃತ ಭಾಷೆ: ಅಶೋಕನ ಶಾಸನ. ಒಂದು ಮೈಯಲ್ಲಿ ಅವನ ಹದಿನಾಲ್ಕು ಬಂಡೆ ಶಾಸನಗಳ ಪೈಕಿ 12 ಮತ್ತು 14ನೆಯವುಗಳ ಭಾಗ, ಇನ್ನೊಂದು ಮೈಯಲ್ಲಿ ಆ ಸಾಲಿಗೆ ಸೇರದ, ‘ಪ್ರತ್ಯೇಕ ಶಾಸನ’ ಎಂದು ಕರೆಯುವ ಎರಡು ಶಾಸನಗಳು. ಮೂರ್ತಿ ಕೂರಿಸಲು ಯಾವ ಕಾಲದಲ್ಲೋ ನಡುವೆ ಕೊರೆದ ಕುಳಿಯಲ್ಲಿ ಕೆಲವು ಅಕ್ಷರ ಹೋಗಿದ್ದವು. ಪ್ರತ್ಯೇಕ ಶಾಸನಗಳು ಅದಕ್ಕೆ ಮುಂಚೆ ತಿಳಿದಿದ್ದುದು ಕಳಿಂಗದ ಧೌಲಿ, ಜೌಗಡಗಳಲ್ಲಿ. ಅವು ಭೀಮಾ ದಂಡೆಯಲ್ಲೂ ಇದ್ದವು ಎಂಬುದೇ ಇಲ್ಲಿನ ದೊಡ್ಡ ಸುದ್ದಿ. ಆ ಕಲ್ಲು ಕಳ್ಳಸಾಗಣೆಯಾಗಿ ಯಾರದೋ ಬಂಗಲೆ ಸೇರಿದ್ದರೆ ಅಕ್ಷರ ಉಳಿಯುತ್ತಿತ್ತು, ಸುದ್ದಿ ಸಾಯುತ್ತಿತ್ತು. ಪಕ್ಕದ ಕನಗನಹಳ್ಳಿಯಲ್ಲಿ 1990ರ ದಶಕದ ಉತ್ಖನನದಲ್ಲಿ ಸಿಕ್ಕ ಸ್ತೂಪದ ಸುಣ್ಣಕಲ್ಲಿನ ಫಲಕವೊಂದರಲ್ಲಿ ರಾಣಿ ಪರಿವಾರದ ನಡುವೆ ನಿಂತ ಅರಸನ ಚಿತ್ರವಿದೆ, ‘ರಾಯೋ ಅಸೋಕೋ’ ಎಂಬ ಬರಹವಿದೆ. ಇವೆರಡನ್ನೂ ಇಟ್ಟುಕೊಂಡು ಶಾಪ, ಸರ್ಪ, ಸ್ಫೋಟ ಯಾವುದೂ ಇಲ್ಲದೆ ಎರಡು ಗಂಟೆ ಪ್ರೇಕ್ಷಕರನ್ನು ಹಿಡಿದಿಡಬಹುದು.

ಸುರಂಗದ ಬಗ್ಗೆ ಒಂದೆರಡು ಮಾತು ಸಾಕು. ಮುಚ್ಚಿದ ಸುರಂಗದಲ್ಲಿ ಪಂಜು ಹಿಡಿದರೆ ಇರುವ ಗಾಳಿಯನ್ನು ಅದೇ ತಿನ್ನುತ್ತದೆ, ಹೊಗೆ ತುಂಬುತ್ತದೆ. ಬೀದರಿನ ನೌಬಾದ್ ಬಳಿಯ ಕರೇಜ್, ನಮ್ಮವರು ಸುರಂಗ ಬಾವಿ ಎನ್ನುವುದು, ಜಂಬಿಟ್ಟಿಗೆ ಕಲ್ಲಿನಲ್ಲಿ ಕೊರೆದ ನೀರಿನ ಸಾಲು. ಅದಕ್ಕೆ ಅಲ್ಲಲ್ಲಿ ಮೇಲಿನಿಂದ ಬಾವಿಗಳನ್ನು ಇಳಿಸಿದ್ದು ಮಣ್ಣು ತೆಗೆಯಲು ಮತ್ತು ಗಾಳಿ ಆಡಲು. ಸೆಟ್ ಹಾಕುವವರು ಅದನ್ನು ನೋಡಿ ಬರಲಿ.

ಕಾನೂನು ಕಥೆಯೊಳಗೆ ಬರಲಿ, ಅದು ಅಡ್ಡಿಯಲ್ಲ. ನಿಧಿ ಸಿಕ್ಕರೆ ಜಿಲ್ಲಾಧಿಕಾರಿಗೆ ಲಿಖಿತವಾಗಿ ತಿಳಿಸಬೇಕು, ಬಚ್ಚಿಡುವುದು ಅಪರಾಧ. 1972ರ ಪುರಾವಸ್ತು ಕಾಯ್ದೆಯ ಪ್ರಕಾರ ನೂರು ವರ್ಷ ದಾಟಿದ ಶಿಲ್ಪ, ನಾಣ್ಯ, ಶಾಸನ ಪುರಾವಸ್ತು. ಹಸ್ತಪ್ರತಿಗೆ 75 ವರ್ಷ ಸಾಕು. ಖಾಸಗಿಯವರು ಹೊರದೇಶಕ್ಕೆ ಸಾಗಿಸುವಂತಿಲ್ಲ. ಅಮಾವಾಸ್ಯೆ ರಾತ್ರಿ ಹಾಳು ಗುಡಿಯ ಲಿಂಗದ ಪೀಠ ಕಿತ್ತು ಗುಂಡಿ ತೋಡುವವರಿಗೆ ಧೈರ್ಯ ಕೊಡುವುದು ‘ಕೆಳಗೆ ಬಂಗಾರ ಇದೆ’ ಎಂಬ ನಂಬಿಕೆ. ಅದನ್ನು ತೆರೆಯ ಮೇಲೆ ನಿಜವೆಂದು ತೋರಿಸಿದರೆ ಇನ್ನೊಂದು ಪೀಠ ಏಳುತ್ತದೆ. ಇದನ್ನು ಸಿಟ್ಟಿನಿಂದಲೇ ಬರೆಯುತ್ತಿದ್ದೇನೆ.

ಚಿತ್ರೀಕರಣಕ್ಕೆ ನಿಜವಾದ ಹಾಳೂರ ದಿಬ್ಬ ಅಗೆಯಬೇಡಿ. ಕೇಂದ್ರ ಸಂರಕ್ಷಿತ ಸ್ಮಾರಕದಲ್ಲಿ ಕ್ಯಾಮೆರಾ ಇಡಲೂ ಪುರಾತತ್ವ ಸರ್ವೇಕ್ಷಣ ಇಲಾಖೆಯ ಅನುಮತಿ ಬೇಕು. ಗುರುತಿನವರ ಹೊಲ ಕೇಳಿ. ಮೊದಲು ಉದ್ದಗಲಕ್ಕೆ ನಡೆದು, ಹಳೆಯ ಮಡಕೆಚೂರು ಕಂಡರೆ ಆ ಹೊಲ ಬಿಡಿ. ಮೂರು ಮೀಟರ್ ಚೌಕ, ಒಂದು ಮೀಟರ್ ಆಳ ಸಾಕು. ಗೋಡೆಯ ಒಂದು ಮೈಯನ್ನು ತುಸು ಒಳಕ್ಕೆ ಕಡಿದು, ಕೆಳಗಿನಿಂದ ಮೇಲಕ್ಕೆ ಪದರ ಕಟ್ಟಿ: ಅಡಿಯಲ್ಲಿ ಗರಸು, ಅದರ ಮೇಲೆ ಕಂದು ಮಣ್ಣು, ನಡುವೆ ಜೋಳದ ದಂಟು ಸುಟ್ಟ ಬೂದಿಯ ನಾಲ್ಕು ಬೆರಳಿನ ಪಟ್ಟಿ, ಮೇಲೆ ಒಂದು ಗೇಣು ಉತ್ತ ಎರೆಮಣ್ಣು. ಪಟ್ಟಿಗಳು ನೇರ ಗೆರೆಯಂತೆ ಬೇಡ, ತುಸು ಬಾಗಲಿ, ಒಂದು ಕಡೆ ಹಳೆಯ ಗುಂಡಿ ಕತ್ತರಿಸಿದಂತೆ ಇರಲಿ. ಶಾಟ್‌ಗೆ ಮುಂಚೆ ತೆಳುವಾಗಿ ನೀರು ಚಿಮುಕಿಸಿದರೆ ಬಣ್ಣಗಳು ಬೇರೆ ಬೇರೆಯಾಗಿ ಕಾಣುತ್ತವೆ. ಪ್ರತಿ ಪದರಕ್ಕೆ ಮೇಲಿನಿಂದ ಸಂಖ್ಯೆ ಹಾಕಿದ ಚೀಟಿಯನ್ನು ಮೊಳೆಯಿಂದ ಚುಚ್ಚಿ. ನಕಲಿ ಮೂರ್ತಿ, ಮಡಕೆಗಳ ತಳದಲ್ಲಿ ಇಸವಿ ಕೊರೆದಿರಲಿ. ಪ್ಯಾಕಪ್ ಹೊತ್ತಿಗೆ ಎಲ್ಲವನ್ನೂ ಎಣಿಸಿ ಹೊರತೆಗೆದ ಮೇಲೆಯೇ ಗುಂಡಿ ಮುಚ್ಚಿಸಿ.