ಕರೆಂಟ್ ಬಿಲ್ ಬಾಕಿ, ಬಾರದ ಪ್ರತಿವಾದಿ

ಬಿಲ್ ಕಟ್ಟದಿದ್ದರೆ ಫ್ಯೂಸ್ ಕೀಳುತ್ತಾರೆ, ಇದು ಎಲ್ಲರಿಗೂ ಗೊತ್ತು. ಫ್ಯೂಸ್ ಕಿತ್ತ ಮೇಲೂ ಬಾಕಿ ಉಳಿದೇ ಇರುತ್ತದಲ್ವಾ? ಅದು ಕೋರ್ಟಿಗೆ ಹೋಗುವ ದಾರಿ ಹಳೆಯದು.

1910ರ ವಿದ್ಯುತ್ ಕಾಯ್ದೆಯಲ್ಲೇ ಎರಡೂ ಇದ್ದವು. ಏಳು ದಿನದ ನೋಟಿಸ್ ಕೊಟ್ಟು ಲೈನ್ ಕತ್ತರಿಸಬಹುದು, ದಾವೆಯನ್ನೂ ಹಾಕಬಹುದು. 1957ರಲ್ಲಿ ರಾಜ್ಯದ ವಿದ್ಯುತ್ ಮಂಡಳಿ ಬಂತು, 1976ರಲ್ಲಿ ಬಾಕಿಯನ್ನು ಭೂಕಂದಾಯದ ಹಾಗೆ ವಸೂಲಿ ಮಾಡುವ ಕಾನೂನು, 1999ರಲ್ಲಿ ಮಂಡಳಿಯ ಜಾಗಕ್ಕೆ ಕೆಪಿಟಿಸಿಎಲ್, 2002ರಲ್ಲಿ ಬೆಸ್ಕಾಂ, ಹೆಸ್ಕಾಂ ಥರದ ಕಂಪನಿಗಳು.

ಗೊಂದಲ ಜಾಸ್ತಿಯಾಗಿದ್ದು 2003ರ ಕಾಯ್ದೆಯಿಂದ. ಅದರ 56ನೇ ಕಲಂ ನೋಟಿಸನ್ನು 15 ದಿನಕ್ಕೆ ಏರಿಸಿತು. ಬಾಕಿಯನ್ನು ಬಿಲ್ಲಿನಲ್ಲಿ ಸತತವಾಗಿ ತೋರಿಸದಿದ್ದರೆ ಎರಡು ವರ್ಷದ ನಂತರ ಕೇಳುವಂತಿಲ್ಲ ಎಂದೂ ಹೇಳಿತು. ಸಾಲವೇ ಮನ್ನಾ ಅಂತ ಹಲವರು ಅಂದುಕೊಂಡರು. ಹಾಗಲ್ಲ, ಆ ಮಿತಿ ಲೈನ್ ಕತ್ತರಿಸುವುದಕ್ಕೆ ಮಾತ್ರ, ಬೇರೆ ರೀತಿಯ ವಸೂಲಿಗೆ ಅಡ್ಡಿಯಿಲ್ಲ ಎಂದು ಸುಪ್ರೀಂ ಕೋರ್ಟ್ 2020ರಲ್ಲಿ ಹೇಳಿತು. 2023ರಲ್ಲಿ ಕೇರಳದ ಪ್ರಕರಣದಲ್ಲೂ ಅದನ್ನೇ ಎತ್ತಿಹಿಡಿಯಿತು. ನಿಯಮದಲ್ಲಿ ಅವಕಾಶ ಇದ್ದರೆ ಹಳೇ ಬಾಕಿ ತೀರುವ ತನಕ ಹೊಸ ಮಾಲೀಕನಿಗೂ ಸಂಪರ್ಕ ನಿರಾಕರಿಸಬಹುದು ಎಂದಿತು.

ಇನ್ನು ದಾವೆಯ ವಿಷಯ. ಆರ್‌ಆರ್ ನಂಬರ್, ಅಂದರೆ ಬಿಲ್ಲಿನ ಮೇಲಿರುವ ಸಂಪರ್ಕದ ಸಂಖ್ಯೆ, ಹಳೇ ಮಾಲೀಕರ ಹೆಸರಲ್ಲಿರುತ್ತದೆ. ಅವರು ಮನೆ ಮಾರಿ ಬೇರೆ ಊರಿಗೆ ಹೋಗಿರುತ್ತಾರೆ, ಆದರೆ ಬಿಲ್ಲಿನಲ್ಲಿರುವ ವಿಳಾಸಕ್ಕೇ ಸಮನ್ಸ್ ಹೋಗುತ್ತದೆ. ಕೋರ್ಟಿನವರು ಬಂದು ನೋಡಿದರೆ ಬೀಗ, ಬಾಗಿಲಿಗೆ ಒಂದು ಪ್ರತಿ ಅಂಟಿಸಿ ವರದಿ ಬರೆಯುತ್ತಾರೆ. ಅದು ಸರಿಯಾದ ಜಾರಿ ಅಂತ ಕೋರ್ಟ್ ಒಪ್ಪಿದರೆ, ವಾಯಿದೆಯ ದಿನ ಹೆಸರು ಕೂಗುತ್ತಾರೆ, ಯಾರೂ ಬರುವುದಿಲ್ಲ, ಪ್ರತಿವಾದಿಯನ್ನು ಏಕಪಕ್ಷೀಯ ಎಂದು ಬರೆದುಕೊಳ್ಳುತ್ತಾರೆ, ಅಂದರೆ ಇನ್ನು ಅವರಿಲ್ಲದೆಯೇ ಕೇಸು ನಡೆಯುತ್ತದೆ. ಅಧಿಕಾರಿಯೊಬ್ಬರ ಪ್ರಮಾಣಪತ್ರ, ಬಿಲ್ಲಿನ ಪ್ರತಿಗಳು, ಲೆಡ್ಜರ್ ನಕಲು. ಅಷ್ಟಕ್ಕೇ ಡಿಕ್ರಿ, ಅಂದರೆ ಬಡ್ಡಿ ಸಮೇತ ಹಣ ಕಟ್ಟಬೇಕೆಂಬ ಕೋರ್ಟಿನ ತೀರ್ಮಾನ.

ಎದುರಾಳಿ ಬಂದಿಲ್ಲ ಅಂತ ಸುಮ್ನೆ ಡಿಕ್ರಿ ಕೊಡುವಂತಿಲ್ಲ, ಸಾಕ್ಷ್ಯ ನೋಡಲೇಬೇಕು. ಪ್ರತಿವಾದಿ ತಕರಾರನ್ನೇ ಸಲ್ಲಿಸದಿದ್ದರೂ ಕಣ್ಣುಮುಚ್ಚಿ ತೀರ್ಪು ಬರೆಯಬಾರದು ಎಂದು ಸುಪ್ರೀಂ ಕೋರ್ಟ್ 1999ರಲ್ಲೇ ಹೇಳಿದೆ. ಇಲ್ಲಿ ನೋಡಬೇಕಾದದ್ದು ಆ ಲೆಡ್ಜರ್ ನಕಲನ್ನೇ. ಯಾವ ತಿಂಗಳ ರೀಡಿಂಗ್ ನಿಜ, ಯಾವುದು ಬಾಗಿಲು ಹಾಕಿದ್ದಾಗ ಹಾಕಿದ ಸರಾಸರಿ, ಲೈನ್ ಕತ್ತರಿಸಿದ ಮೇಲೂ ಎಷ್ಟು ದಿನ ನಿಗದಿತ ಶುಲ್ಕ ಸೇರಿದೆ? ಕೇಳುವವರಿಲ್ಲದ ಕೇಸಿನಲ್ಲಿ ಈ ಪ್ರಶ್ನೆಗಳನ್ನು ನ್ಯಾಯಾಧೀಶರೇ ಕೇಳಬೇಕು, ಬೇರೆ ಯಾರೂ ಇಲ್ಲ.

ಬಂದ ಡಿಕ್ರಿಯನ್ನು 12 ವರ್ಷದೊಳಗೆ ಯಾವಾಗ ಬೇಕಾದರೂ ಅಮಲ್ಜಾರಿಗೆ, ಅಂದರೆ ಕೋರ್ಟಿನ ಮೂಲಕ ವಸೂಲಿಗೆ, ಹಾಕಬಹುದು. ಹಾಗಾಗಿ ಎಷ್ಟೋ ಜನಕ್ಕೆ ಕೇಸು ಇತ್ತು ಅಂತ ಗೊತ್ತಾಗುವುದೇ ಬ್ಯಾಂಕ್ ಖಾತೆ ಜಪ್ತಿಯಾದಾಗ. ಸಮನ್ಸ್ ಸರಿಯಾಗಿ ಜಾರಿಯಾಗಿರದಿದ್ದರೆ, ಡಿಕ್ರಿ ಗೊತ್ತಾದ ದಿನದಿಂದ 30 ದಿನದೊಳಗೆ ಅದನ್ನು ರದ್ದು ಮಾಡಿ ಅಂತ ಅದೇ ಕೋರ್ಟಿಗೆ ಅರ್ಜಿ ಹಾಕಬೇಕು. ಅರ್ಜಿಯ ಜೊತೆ ಕ್ರಯಪತ್ರದ ನಕಲು ಇಡಿ, ಸಮನ್ಸ್ ಅಂಟಿಸಿದ ದಿನ ನೀವು ಆ ಮನೆಯಲ್ಲಿ ಇರಲಿಲ್ಲ ಅಂತ ತೋರಿಸುವುದಕ್ಕೆ.